ಒಂದೇ ಪಾತ್ರೆ, ನಾಲ್ಕು ತಾಲೂಕು

ಪಾರ್ಟಿ ಅಂದ ಕೂಡಲೇ ನಮ್ಮ ಕ್ಯಾಂಪಸ್‌ನಲ್ಲಿ ಎರಡೇ ಆಯ್ಕೆ. ಒಂದೋ ಪ್ಯಾಕೆಟ್ ಬಿರಿಯಾನಿ, ಇಲ್ಲಾಂದ್ರೆ ಪಿಜ್ಜಾ. ತಲೆಗೆ ಇಷ್ಟು ಅಂತ ಯುಪಿಐ ಮಾಡ್ತೀವಿ, ಅವರವರ ಡಬ್ಬಿ ಅವರವರು ಬಿಚ್ಕೊಂಡು, ಒಂದು ಕೈಯಲ್ಲಿ ಫೋನ್ ಹಿಡ್ಕೊಂಡು ತಿಂದು ಮುಗಿಸ್ತೀವಿ. ನನ್ನ ವಾದ ಇಷ್ಟೇ: ಮುಂದಿನ ಪಾರ್ಟಿಗೆ ಚೀಸ್ ಫಾಂಡ್ಯೂ ಮಾಡಿ. ಫಾರಿನ್ ಐಟಂ ಅಂತಲ್ಲ, ಫೋಟೋ ಚೆನ್ನಾಗಿ ಬರುತ್ತೆ ಅಂತಲೂ ಅಲ್ಲ. ಕೂತವರೆಲ್ಲ ಒಂದೇ ಪಾತ್ರೆಗೆ ಅದ್ದಿ ತಿನ್ನಲೇಬೇಕಾದ ಅಡುಗೆ ಅದು. ಅದಕ್ಕೇ ಮಾಡಿ.

ಕನ್ನಡ ಸಂಘದ ಪತ್ರಿಕೆಯಲ್ಲಿ ಸ್ವಿಸ್ ಅಡುಗೆಗೇನು ಕೆಲಸ ಅಂತ ಕೇಳಬಹುದು. ಫಾಂಡ್ಯೂ ಅನ್ನೋದು 'ಕರಗಿಸು' ಅನ್ನೋ ಅರ್ಥದ ಫ್ರೆಂಚ್ ಪದದಿಂದ ಬಂದದ್ದು. ಕರಗಿಸಿದ ಚೀಸ್ ಮಧ್ಯದಲ್ಲಿ, ಸುತ್ತ ಜನ, ಉದ್ದ ಫೋರ್ಕಿಗೆ ಬ್ರೆಡ್ ತುಂಡು ಚುಚ್ಚಿ ಅದ್ದೋದು. ಅಷ್ಟೇ. ಇದು ಸ್ವಿಟ್ಜರ್‌ಲೆಂಡಿನ 'ರಾಷ್ಟ್ರೀಯ ಅಡುಗೆ' ಆಗಿದ್ದಕ್ಕೆ ದೊಡ್ಡ ಕಾರಣ ಜಾಹೀರಾತು. 1914ರಲ್ಲಿ ಶುರುವಾಗಿ 1999ರವರೆಗೂ ಇದ್ದ ಸ್ವಿಸ್ ಚೀಸ್ ಯೂನಿಯನ್, ಚೀಸ್ ಖರ್ಚಾಗಲಿ ಅಂತ 1930ರ ದಶಕದಲ್ಲಿ ಇದನ್ನು ಇಡೀ ದೇಶದ ಅಡುಗೆ ಅಂತ ಪ್ರಚಾರ ಮಾಡ್ತು. ಅಂದ್ರೆ ಅವರ ಪರಂಪರೆಯಲ್ಲೂ ಅರ್ಧ ಮಾರ್ಕೆಟಿಂಗ್ ಇದೆ. ಹಾಗಾಗಿ ಫಾಂಡ್ಯೂ ಅಂದ್ರೆ ಬೆರಗಾಗೋದೂ ಬೇಡ, ಹೆದರೋದೂ ಬೇಡ.

ಈಗ ಮಾಡೋದು ಹೇಗೆ ಅಂತ ನೋಡೋಣ. ಇಂಜಿನಿಯರ್‌ಗಳಲ್ವಾ, ಮೊದಲು ಫೇಲ್ಯೂರ್ ಅನಾಲಿಸಿಸ್. ಮಾಮೂಲಿ ಚೀಸನ್ನು ಸುಮ್ಮನೆ ಬಿಸಿ ಮಾಡಿದ್ರೆ ಎಣ್ಣೆ ಮೇಲೆ ತೇಲುತ್ತೆ, ಉಳಿದದ್ದು ರಬ್ಬರ್ ಥರ ಗಂಟು ಕಟ್ಟುತ್ತೆ. ಕಾರಣ ಕೇಸಿನ್ ಅನ್ನೋ ಪ್ರೋಟೀನು. ಅದನ್ನು ಕ್ಯಾಲ್ಸಿಯಂ ಗಟ್ಟಿಯಾಗಿ ಕಟ್ಟಿ ಹಾಕಿರುತ್ತೆ. ಸ್ವಿಸ್ ಜನ ಬಿಳಿ ವೈನ್ ಹಾಕ್ತಾರಲ್ಲ, ಅದು ಬರೀ ರುಚಿಗಲ್ಲ, ವೈನಿನ ಆಮ್ಲ ಆ ಕ್ಯಾಲ್ಸಿಯಂ ಹಿಡಿತ ಸಡಿಲ ಮಾಡುತ್ತೆ. ನಮಗೆ ವೈನ್ ಬೇಡ. ಅಂಗಡಿಯಲ್ಲಿ ಸಿಗೋ ಪ್ರೊಸೆಸ್ಡ್ ಚೀಸ್ ಪ್ಯಾಕಿನ ಹಿಂದೆ ಓದಿ, 331 ಅಥವಾ 339 ಅಂತ ನಂಬರ್ ಇರುತ್ತೆ. 331 ಅಂದ್ರೆ ಸೋಡಿಯಂ ಸಿಟ್ರೇಟ್, 339 ಅಂದ್ರೆ ಸೋಡಿಯಂ ಫಾಸ್ಫೇಟ್. ವೈನ್ ಮಾಡೋ ಕೆಲಸವನ್ನು ಈ ಉಪ್ಪುಗಳು ಇನ್ನೂ ಚೆನ್ನಾಗಿ ಮಾಡ್ತವೆ. ತಮಾಷೆ ಅಂದ್ರೆ, ಸಿಟ್ರೇಟ್ ಹಾಕಿ ಪ್ರೊಸೆಸ್ಡ್ ಚೀಸ್ ಮಾಡೋದನ್ನು ಕಂಡುಹಿಡಿದವರೂ ಸ್ವಿಸ್‌ನವರೇ, 1911ರಲ್ಲಿ, ಥೂನ್ ಅನ್ನೋ ಊರಿನಲ್ಲಿ. ಹಾಗಾಗಿ ಅಮುಲ್ ಬ್ಲಾಕ್‌ನಲ್ಲಿ ಮಾಡಿದ್ದು ಡೂಪ್ಲಿಕೇಟ್ ಅಂತ ಯಾರಾದ್ರೂ ಅಂದ್ರೆ ಈ ಇಸವಿ ಹೇಳಿ.

ಆರು ಜನಕ್ಕೆ 400 ಗ್ರಾಂ ಪ್ರೊಸೆಸ್ಡ್ ಚೀಸ್ ತುರ್ಕೊಳ್ಳಿ, ಒಂದು ಚಮಚ ಕಾರ್ನ್ ಫ್ಲೋರ್ ಉದುರಿಸಿ ಕಲಸಿ. ಪಾತ್ರೆ ಒಳಗೆ ಬೆಳ್ಳುಳ್ಳಿ ಉಜ್ಜಿ, 200 ಎಂಎಲ್ ಹಾಲು ಬಿಸಿ ಮಾಡಿ, ಸಣ್ಣ ಉರಿಯಲ್ಲಿ ಚೀಸನ್ನು ಹಿಡಿ ಹಿಡಿಯಾಗಿ ಹಾಕ್ತಾ ಕೈಯಾಡಿಸ್ತಾ ಇರಿ. ಕುದಿಸಬೇಡಿ. ನಿಂಬೆಹುಳಿ ಬೇಡ, ಹಾಲು ಒಡೆದೀತು. ಕಾಳುಮೆಣಸಿನ ಪುಡಿ, ಬೇಕಾದ್ರೆ ಸಣ್ಣಗೆ ಹೆಚ್ಚಿದ ಹಸಿಮೆಣಸಿನಕಾಯಿ. ತಿನ್ನುವಾಗ ಗಟ್ಟಿ ಆಗದ ಹಾಗೆ ಆ ಪಾತ್ರೆಯನ್ನು ಬಿಸಿನೀರಿನ ದೊಡ್ಡ ಪಾತ್ರೆಯೊಳಗೆ ಇಡಿ. ಹಾಸ್ಟೆಲ್ ರೂಮಿನಲ್ಲಿ ಇಂಡಕ್ಷನ್ ಇಡಂಗಿಲ್ಲ, ಹೊರಗೆ ಮನೆ ಮಾಡಿರೋ ಗೆಳೆಯರನ್ನ ಹಿಡೀರಿ.

ನಾವು ಹಾಗೇ ಮಾಡಿದ್ವಿ. ಆರು ಜನ ಇದ್ವಿ, ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು ಕಡೆಯವರು. ಕೇಳಿದವರಿಗೆಲ್ಲ 'ದಾವಣಗೆರೆ' ಅಂತ ಒಂದೇ ಮಾತಲ್ಲಿ ಹೇಳ್ತೀವಿ, ಆದ್ರೆ ಆ ಜಿಲ್ಲೆ ಹುಟ್ಟಿದ್ದೇ 1997ರಲ್ಲಿ. ಅದಕ್ಕೂ ಮುಂಚೆ ಚನ್ನಗಿರಿ, ಹೊನ್ನಾಳಿ ಶಿವಮೊಗ್ಗಕ್ಕೆ ಸೇರಿದ್ವು, ಜಗಳೂರು ಚಿತ್ರದುರ್ಗಕ್ಕೆ. ನ್ಯಾಮತಿ ಮೊನ್ನೆ ಮೊನ್ನೆವರೆಗೂ ಹೊನ್ನಾಳಿಯೊಳಗೇ ಇತ್ತು. ಚನ್ನಗಿರಿಯವರಿಗೆ ಸೂಳೆಕೆರೆ ನೀರು, ಅಡಿಕೆ ತೋಟ. ಹೊನ್ನಾಳಿಯವರಿಗೆ ತುಂಗಭದ್ರೆ. ಜಗಳೂರಿನವರು ಮಳೆಗೆ ಆಕಾಶ ನೋಡೋರು. ಊಟದ ವಿಷಯದಲ್ಲೂ ಅಷ್ಟೇ, ಅವರವರಿಗೆ ಅವರವರ ಮನೆಯದ್ದೇ ಹೆಚ್ಚು. ಫಾಂಡ್ಯೂ ಪಾತ್ರೆ ಸುತ್ತ ಅವೆಲ್ಲ ಒಟ್ಟಿಗೆ ಕೂತ್ವು. ಬ್ರೆಡ್ ಜೊತೆಗೆ ಪಡ್ಡು, ಖಡಕ್ ರೊಟ್ಟಿ ಚೂರು, ಬೇಯಿಸಿದ ಆಲೂಗಡ್ಡೆ, ಮಿರ್ಚಿ. ಇದರಲ್ಲಿ ಗೆದ್ದಿದ್ದು ಪಡ್ಡು. ಹೊರಗೆ ಗರಿ, ಒಳಗೆ ತೂತು ತೂತು, ಒಂದೇ ತುತ್ತಿನ ಸೈಜು. ಫಾಂಡ್ಯೂಗೆ ಅಂತಲೇ ಮಾಡಿದ ಹಾಗಿತ್ತು.

ಆದ್ರೆ ಅದ್ದೋಕೆ ಮುಂಚೆ ಒಂದು ಪ್ರಶ್ನೆ ಬಂತು: 'ಎಲ್ರೂ ಒಂದೇ ಪಾತ್ರೆಗೆ ಅದ್ದಿದ್ರೆ ಎಂಜಲು ಆಗಲ್ಲೇನೋ?'

ಈ ಲೇಖನ ಬರೀತಿರೋದೇ ಈ ಪ್ರಶ್ನೆಗಾಗಿ. 'ಎಂಜಲು' ಅನ್ನೋ ಒಂದೇ ಪದದೊಳಗೆ ನಾವು ಎರಡು ಬೇರೆ ಬೇರೆ ವಿಷಯ ತುಂಬಿಟ್ಟಿದ್ದೀವಿ. ಒಂದು ಉಗುಳು, ರೋಗಾಣು. ಇದು ನ್ಯಾಯವಾದ ಪ್ರಶ್ನೆ, ಇದಕ್ಕೆ ಉತ್ತರವೂ ಸುಲಭ. ಅದ್ದೋ ಫೋರ್ಕು ಬಾಯಿಗೆ ಹೋಗಬಾರದು. ಅದ್ದಿದ್ದನ್ನು ನಿಮ್ಮ ತಟ್ಟೆಗೆ ಬಿಡಿಸಿಕೊಂಡು ಕೈಯಲ್ಲಿ ತಿನ್ನಿ. ಫೋರ್ಕಿನ ಬದಲು ಉದ್ದನೆ ಬಿದಿರು ಕಡ್ಡಿಯೂ ಆಗುತ್ತೆ. ನೆಗಡಿ ಇದ್ದವರಿಗೆ ಬೇರೆ ಬಟ್ಟಲಲ್ಲಿ ಹಾಕಿಕೊಡಿ. ಮುಗೀತು.

ಎರಡನೇದು ಉಗುಳಿಗೆ ಸಂಬಂಧಪಟ್ಟದ್ದಲ್ಲ. ಅದು ಯಾರ ಕೈ, ಯಾರ ಮನೆ, ಯಾವ ಪೈಕಿ ಅನ್ನೋದು. ಇದಕ್ಕೆ ಸಾಕ್ಷಿ ಬೇಕಾ? ಕ್ರಿಕೆಟ್ ಆಡಿ ಬಂದ ಮೇಲೆ ಪೇಪರ್ ಹಾಸಿ ಖಾರಾ ಮಂಡಕ್ಕಿ ಸುರೀತೀವಿ. ಎಂಟು ಕೈ ಒಟ್ಟಿಗೆ ಬೀಳ್ತವೆ, ಬೆವರು ಕೈ, ಬೆರಳು ಚೀಪಿದ ಕೈ. ಅಲ್ಲಿ ಯಾರೂ ಎಂಜಲು ಅನ್ನಲ್ಲ. ಯಾಕಂದ್ರೆ ಆ ಪೇಪರ್ ಸುತ್ತ ಕೂರೋರನ್ನ ನಾವೇ ಆರಿಸಿಕೊಂಡಿರ್ತೀವಿ. ಆರಿಸದೇ ಇದ್ದವರು ಜೊತೆಗೆ ಕೂತಾಗ ಮಾತ್ರ ನಮಗೆ ಸ್ವಚ್ಛತೆ ನೆನಪಾಗುತ್ತೆ.

ಅವತ್ತು ನಮ್ಮಲ್ಲೊಬ್ಬ ಕಡ್ಡಿ ಕೈಯಲ್ಲಿ ಹಿಡ್ಕೊಂಡೇ ಕೂತಿದ್ದ. 'ನೀವು ತಗಳ್ರಿ, ನಾ ಆಮೇಲೆ ತಗಂತೀನಿ' ಅಂದ. ಎಲ್ಲರದ್ದೂ ಎರಡೆರಡು ಸುತ್ತು ಆದ ಮೇಲೇ ಅವನು ಅದ್ದಿದ್ದು. ಅವನು ಮೊದಲು ಅದ್ದಿದ್ರೆ ನಮ್ಮಲ್ಲಿ ಯಾರೂ ಏನೂ ಅಂತಿರಲಿಲ್ಲ, ಅದು ಅವನಿಗೂ ಗೊತ್ತು. ಆಮೇಲೆ ಬೇರೇನೋ ಮಾತಿನ ಮಧ್ಯೆ ಹೇಳಿದ, ಅವನ ಅಪ್ಪ ಊರಿನ ಹೋಟೆಲಿನಲ್ಲಿ ಹೊರಗೆ ನಿಂತೇ ಟೀ ಕುಡೀತಿದ್ರಂತೆ. ಯಾವ ಊರು, ನಾಲ್ಕರಲ್ಲಿ ಯಾವ ತಾಲೂಕು ಅಂತ ನಾನು ಬರೆಯಲ್ಲ. ನಿಮ್ಮ ಊರಲ್ಲೂ ಹಾಗೆ ಇತ್ತಾ ಅಂತ ಮನೆಯಲ್ಲಿ ಅಜ್ಜ ಅಜ್ಜಿನ ಕೇಳಿ ನೋಡಿ.

ಒಟ್ಟಿಗೆ ಕೂತು ಉಣ್ಣೋದು ಸಣ್ಣ ವಿಷಯ ಅನ್ನೋರಿಗೆ ಕೇರಳದ ಒಂದು ಉದಾಹರಣೆ. 1917ರಲ್ಲಿ ಚೆರಾಯಿ ಅನ್ನೋ ಊರಿನಲ್ಲಿ ಸಹೋದರನ್ ಅಯ್ಯಪ್ಪನ್ ಅನ್ನೋ ಯುವಕ ಬೇರೆ ಬೇರೆ ಜಾತಿಯವರನ್ನ ಒಟ್ಟಿಗೆ ಕೂರಿಸಿ ಊಟ ಹಾಕಿಸಿದ. ಬರೀ ಒಂದು ಊಟ. ಅದಕ್ಕೆ ಸ್ವಂತ ಜಾತಿಯವರೇ ಬಹಿಷ್ಕಾರ ಹಾಕಿದ್ರು, 'ಪುಲಯ ಅಯ್ಯಪ್ಪ' ಅಂತ ಹಂಗಿಸಿದ್ರು. ಅವನು ಆ ಹೆಸರನ್ನ ಬಿರುದಿನ ಥರ ಸ್ವೀಕರಿಸಿದ. ಊಟ ಸಣ್ಣದಾಗಿದ್ರೆ ಶಿಕ್ಷೆ ಅಷ್ಟು ದೊಡ್ಡದಾಗಿ ಇರ್ತಿರಲಿಲ್ಲ.

ಹಾಗಂತ ಫಾಂಡ್ಯೂ ತಿಂದ್ರೆ ಜಾತಿ ಹೋಗುತ್ತೆ ಅಂತ ನಾನು ಹೇಳ್ತಿಲ್ಲ. 1936ರ 'ಜಾತಿ ವಿನಾಶ'ದಲ್ಲಿ ಅಂಬೇಡ್ಕರ್ ಅವರೇ ಸಹಭೋಜನ ಸಾಲದು, ಅಂತರ್ಜಾತಿ ಮದುವೆಯೇ ನಿಜವಾದ ಮದ್ದು ಅಂತ ವಾದಿಸಿದ್ರು. ಪಾರ್ಟಿಯಲ್ಲಿ ಒಂದೇ ಪಾತ್ರೆಗೆ ಅದ್ದಿ, ರಜೆಗೆ ಊರಿಗೆ ಹೋದಾಗ ಗೆಳೆಯನನ್ನ ಜಗಲಿಯಲ್ಲೇ ಕೂರಿಸಿ ಕಳಿಸಿದ್ರೆ ಆ ಪಾತ್ರೆಗೆ ಬೆಲೆ ಇಲ್ಲ. ಆದ್ರೆ ನಾವು ಸಾಲದಿರೋ ಆ ಮೊದಲ ಹೆಜ್ಜೆಯನ್ನೂ ಇಟ್ಟಿಲ್ಲ. ಪ್ಯಾಕೆಟ್ ಪಾರ್ಟಿ ನಮಗೆ ಹಿತ ಯಾಕಂದ್ರೆ ಅಲ್ಲಿ ಈ ಪ್ರಶ್ನೆಯೇ ಏಳಲ್ಲ. 'ನಮ್ಮ ಬ್ಯಾಚಲ್ಲಿ ಜಾತಿ ಗೀತಿ ಏನಿಲ್ಲಪ್ಪ' ಅಂತೀವಿ. ಇಲ್ಲ ಅಂತ ಗೊತ್ತಾಗೋದು ಪಾತ್ರೆ ಮಧ್ಯಕ್ಕೆ ಬಂದಾಗ.

ಫಾಂಡ್ಯೂನೇ ಆಗಬೇಕು ಅಂತೇನೂ ಇಲ್ಲ. ಆದ್ರೆ ಒಂದು ಅನುಕೂಲ ಇದೆ: ಇದು ಯಾರ ಮನೆಯ ಅಡುಗೆಯೂ ಅಲ್ಲ. ಸಾರು, ಪಲ್ಯ, ಬಾಡೂಟ ಅಂದ್ರೆ ಯಾರ ಮನೆ ಪದ್ಧತಿ ಅನ್ನೋದು ಜೊತೆಗೇ ಬರುತ್ತೆ. ಚೀಸ್ ಪ್ಯಾಕಿನ ಮೇಲೆ ಹಸಿರು ಚುಕ್ಕಿ ನೋಡಿ ತಂದ್ರೆ ವೆಜ್, ನಾನ್‌ವೆಜ್ ಜಗಳವೂ ಇಲ್ಲ. ಹಾಲು ಒಗ್ಗದವರಿಗೆ ಪಕ್ಕದಲ್ಲಿ ಶೇಂಗಾ ಚಟ್ನಿ ಇಡಿ, ಅದನ್ನೂ ಒಂದೇ ಬಟ್ಟಲಲ್ಲಿ.

ಕೊನೆಗೆ ಎರಡು ರೂಲ್ಸ್. ಸ್ವಿಸ್ ಪದ್ಧತಿಯಲ್ಲಿ ಬ್ರೆಡ್ ತುಂಡನ್ನ ಪಾತ್ರೆಯೊಳಗೆ ಬೀಳಿಸಿದವರಿಗೆ ದಂಡ ಇರುತ್ತೆ. ನಮ್ಮಲ್ಲಿ ಬೀಳಿಸಿದವರು ಒಂದು ಕನ್ನಡ ಹಾಡು ಹೇಳಲಿ, ಪೂರ್ತಿ ಸಾಹಿತ್ಯ ಬರಬೇಕು. ಇನ್ನೊಂದು ರೂಲು ಸ್ವಿಸ್‌ನವರದ್ದಲ್ಲ, ನಮಗೇ ಬೇಕಾದದ್ದು: ಮೊದಲು ಯಾರು ಅದ್ದಬೇಕು ಅನ್ನೋದಕ್ಕೆ ಎಲ್ಲರ ಹೆಸರು ಬರೆದು ಚೀಟಿ ಎತ್ತಿ. ಚೀಟಿಯಲ್ಲಿ ಬಂದವರು ಅದ್ದೋವರೆಗೂ ಬೇರೆ ಯಾರೂ ಕಡ್ಡಿ ಎತ್ತಂಗಿಲ್ಲ.