ಅದನ್ನು ಪ್ರೇಮಕಥೆ ಎನ್ನಬೇಡಿ

“ಎಂಥ ಪ್ರೀತಿ ನೋಡೇ, ಸಾಯುವಾಗಲೂ ಜೊತೆಯಲ್ಲೇ ಹೋದರು!” ಎಂದು ನನ್ನ ಗೆಳತಿ ಸೆರಗಿನಿಂದ ಕಣ್ಣೊರೆಸಿಕೊಂಡಳು. ಜರ್ಮನಿಯ ನಟ ಯೋಆಖಿಮ್ ಗಾಟ್‌ಶಾಲ್ಕನ ಕಥೆಯನ್ನು ನಾನು ಆಗಷ್ಟೇ ಹೇಳಿ ಮುಗಿಸಿದ್ದೆ. ಅವಳ ಮಾತು ಕೇಳಿ ನನಗೆ ಸಿಟ್ಟು ಬಂತು. ಅವಳ ಮೇಲಲ್ಲ, ನನ್ನ ಮೇಲೇ. ಅವಳು ಅಳುವಂತೆ ಕಥೆ ಹೇಳಿದವಳು ನಾನು. ಅವಳಿಗೆ ಸಿಟ್ಟು ಬರುವಂತೆ ಹೇಳಬೇಕಿತ್ತು. ಆದ್ದರಿಂದ ಈಗ ನಿಮ್ಮ ಮುಂದೆ ಇನ್ನೊಮ್ಮೆ, ಸರಿಯಾಗಿ ಹೇಳುತ್ತೇನೆ.

ಗಾಟ್‌ಶಾಲ್ಕ್ ಹುಟ್ಟಿದ್ದು 1904ರಲ್ಲಿ, ಕಾಲಾವ್ ಎಂಬ ಸಣ್ಣ ಊರಿನಲ್ಲಿ. ಮೊದಲು ಹಡಗಿನಲ್ಲಿ ದುಡಿದ, ಆಮೇಲೆ ರಂಗಭೂಮಿಗೆ ಬಂದ. ಊರೂರಿನ ರಂಗಮಂದಿರಗಳಲ್ಲಿ ಪಾತ್ರ ಮಾಡುತ್ತಾ 1938ರಲ್ಲಿ ಬರ್ಲಿನ್ನಿನ ಫೋಕ್ಸ್‌ಬ್ಯೂನ ರಂಗಮಂದಿರವನ್ನು ತಲುಪಿದ. ಅದೇ ವರ್ಷ ‘ನೀನು ಮತ್ತು ನಾನು’ ಎಂಬ ಚಿತ್ರದಲ್ಲಿ ಬ್ರಿಗಿಟೆ ಹಾರ್ನಿಯ ಜೊತೆ ನಟಿಸಿದ. ಸೌಮ್ಯ ಮುಖ, ತಗ್ಗಿದ ದನಿ. ಎರಡು ಮೂರು ವರ್ಷಗಳಲ್ಲೇ ಅವನು ಜರ್ಮನ್ ಹೆಂಗಸರ ಮೆಚ್ಚಿನ ನಾಯಕನಾದ. 1941ರ ‘ಸ್ವೀಡನ್ನಿನ ಕೋಗಿಲೆ’ ಚಿತ್ರದಲ್ಲಿ ಮಕ್ಕಳ ಕಥೆಗಾರ ಆ್ಯಂಡರ್ಸನ್ನನ ಪಾತ್ರ ಮಾಡಿದ. ಅದೇ ಅವನ ಕೊನೆಯ ಚಿತ್ರ.

ಇಷ್ಟನ್ನು ಎಲ್ಲರೂ ಹೇಳುತ್ತಾರೆ. ಇನ್ನು ಯಾರೂ ನಿಂತು ಹೇಳದ ಸಂಗತಿಗೆ ಬರೋಣ.

ಅವನ ಹೆಂಡತಿಯ ಹೆಸರು ಮೇಟಾ ವೋಲ್ಫ್. ಅವಳೂ ನಟಿ. 1930ರಲ್ಲಿ ಇಬ್ಬರೂ ಮದುವೆಯಾದರು. 1933ರಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಮೇಟಾ ಯಹೂದಿ ಎಂಬ ಒಂದೇ ಕಾರಣಕ್ಕೆ ಅವಳಿಗೆ ರಂಗಭೂಮಿಯ ಬಾಗಿಲು ಮುಚ್ಚಿತು. ಗಂಡನ ಹೆಸರು ಗೋಡೆ ಗೋಡೆಯ ಮೇಲೂ ಮೆರೆಯುತ್ತಿದ್ದ ವರ್ಷಗಳಲ್ಲಿ, ಅದೇ ಕಲೆ ಬಲ್ಲ ಹೆಂಡತಿ ಮನೆಯೊಳಗೆ ಅಡಗಿ ಬದುಕಿದಳು. ಅವಳು ಯಾವ ಪಾತ್ರಗಳನ್ನು ಮಾಡಬಹುದಿತ್ತು? ಅವಳ ದನಿ ಹೇಗಿತ್ತು? ಗಂಡನ ಚಿತ್ರಗಳಾದರೂ ಉಳಿದಿವೆ. ಅವಳದೇನು ಉಳಿಯಿತು? ‘ನಟನ ಯಹೂದಿ ಹೆಂಡತಿ’ ಎಂಬ ಮೂರು ಪದಗಳು! ನಾಜಿಗಳು ಅವಳಿಂದ ರಂಗಭೂಮಿಯನ್ನು ಕಸಿದರು, ಸರಿ. ಹೆಸರನ್ನು ಕಸಿದವರು ಮಾತ್ರ ಕಥೆ ಹೇಳುವ ನಾವೇ.

ಗೋಬೆಲ್ಸ್ ಪ್ರಚಾರ ಮಂತ್ರಿ. ಚಿತ್ರರಂಗವೆಲ್ಲ ಅವನ ಮುಷ್ಟಿಯಲ್ಲಿತ್ತು. ಹೆಂಡತಿಯನ್ನು ಬಿಟ್ಟುಬಿಡು ಎಂದು ಗಾಟ್‌ಶಾಲ್ಕನ ಮೇಲೆ ಒತ್ತಡ ಬಂತು. ಇದು ಬರಿಯ ವಿಚ್ಛೇದನದ ಮಾತಲ್ಲ, ಗಮನಿಸಿ. 1935ರ ನ್ಯೂರೆಂಬರ್ಗ್ ಕಾನೂನು ಯಹೂದಿಗಳ ಜೊತೆ ಹೊಸ ಮದುವೆಗಳನ್ನು ನಿಷೇಧಿಸಿತ್ತು, ಹಳೆಯ ಮದುವೆಗಳನ್ನು ಮುರಿದಿರಲಿಲ್ಲ. ಯಹೂದಿಯಲ್ಲದ ಗಂಡ ಜೊತೆಗಿರುವವರೆಗೆ ಹೆಂಡತಿಗೆ ಒಂದಿಷ್ಟು ರಕ್ಷಣೆ ಇತ್ತು. ಗಂಡ ಸಹಿ ಹಾಕಿದ ದಿನ ಅದೂ ಹೋಯಿತು. ಅಂದರೆ ಒಂದು ಹೆಣ್ಣಿನ ಪ್ರಾಣ ಗಂಡನ ಒಂದು ಸಹಿಗೆ ಜೋತುಬಿದ್ದಿತ್ತು. ಹೆಸರಾಂತ ನಟ ಹೈನ್ಜ್ ರ್ಯೂಮಾನ್ 1938ರಲ್ಲಿ ಯಹೂದಿ ಹೆಂಡತಿಯಿಂದ ವಿಚ್ಛೇದನ ಪಡೆದ. ಅವಳು ಸ್ವೀಡನ್ನಿಗೆ ಹೋಗಿ ಬದುಕಿಕೊಂಡಳು, ಅವನು ಪರದೆಯ ಮೇಲೆ ಜನರನ್ನು ನಗಿಸುತ್ತಲೇ ಇದ್ದ. ಇನ್ನೊಬ್ಬ ನಟ ಕಾನ್ರಾಡ್ ಫೈಟ್ 1933ರಲ್ಲೇ ಯಹೂದಿ ಹೆಂಡತಿಯ ಜೊತೆ ದೇಶ ಬಿಟ್ಟ. ಗಾಟ್‌ಶಾಲ್ಕ್ ದೇಶವನ್ನೂ ಬಿಡಲಿಲ್ಲ, ಹೆಂಡತಿಯನ್ನೂ ಬಿಡಲಿಲ್ಲ. ಅವನು ದೊಡ್ಡ ಮನುಷ್ಯ. ಅದರಲ್ಲಿ ನನಗೆ ಎರಡು ಮಾತಿಲ್ಲ.

1941ರ ಅಕ್ಟೋಬರ್‌ನಲ್ಲಿ ಬರ್ಲಿನ್ನಿನ ಯಹೂದಿಗಳನ್ನು ರೈಲಿಗೆ ತುಂಬಿ ಪೂರ್ವಕ್ಕೆ ಸಾಗಿಸುವುದು ಶುರುವಾಯಿತು. ಮೇಟಾ ಮತ್ತು ಮಗನನ್ನೂ ಸಾಗಿಸುವ ಬೆದರಿಕೆ ಬಂತು. ನವೆಂಬರ್ 6ರಂದು ಮೂವರೂ ತಮ್ಮ ಮನೆಯಲ್ಲೇ ಪ್ರಾಣ ಬಿಟ್ಟರು.

ಮೂವರು! ಮಗ ಮಿಖಾಯೆಲ್‌ಗೆ ಎಂಟು ವರ್ಷ.

‘ಅಮರ ಪ್ರೇಮ’ ಎನ್ನುವವರನ್ನು ನಾನು ಕೇಳುವುದು ಇಷ್ಟೇ: ಈ ಮಗುವನ್ನು ನಿಮ್ಮ ಪ್ರೇಮಕಥೆಯಲ್ಲಿ ಎಲ್ಲಿ ಕೂರಿಸುತ್ತೀರಿ? ಗಂಡ ಹೆಂಡತಿ ಒಟ್ಟಿಗೆ ಸತ್ತರೆ ಪ್ರೀತಿ ಎನ್ನಬಹುದು. ಎಂಟು ವರ್ಷದ ಹುಡುಗ ಯಾವ ಪ್ರೀತಿಗಾಗಿ ಸತ್ತ? ಅವನನ್ನು ಕೇಳಿದವರಾರು? ಮಗುವಿಗೆ ಬೇರೆ ದಾರಿಯೇ ಇಲ್ಲ ಎಂದು ಹೆತ್ತವರಿಗೆ ಅನ್ನಿಸುವಂತೆ ಮಾಡುವುದಕ್ಕೆ ಕೊಲೆ ಎನ್ನಬೇಕು. ಆ ಕೊಲೆಗೆ ಮಂತ್ರಿಗಳಿದ್ದರು, ಗುಮಾಸ್ತರಿದ್ದರು, ಕಡತವಿತ್ತು, ಮೊಹರಿತ್ತು. ನಾವು ‘ಪ್ರೇಮ’ ಎಂದು ಕಣ್ಣೀರು ಹಾಕಿದ ಕೂಡಲೇ ಇವರೆಲ್ಲ ಹಿತ್ತಿಲ ಬಾಗಿಲಿನಿಂದ ಮೆಲ್ಲಗೆ ಜಾರಿಕೊಳ್ಳುತ್ತಾರೆ.

ಯುದ್ಧ ಮುಗಿದ ಮೇಲೆ, 1947ರಲ್ಲಿ, ಕುರ್ಟ್ ಮೇಟ್ಸಿಗ್ ಈ ಕಥೆಯ ಎಳೆ ಹಿಡಿದು ‘ನೆರಳಿನಲ್ಲಿ ದಾಂಪತ್ಯ’ ಎಂಬ ಚಿತ್ರ ಮಾಡಿದ. ಅವನ ತಾಯಿಯೂ ಯಹೂದಿ, ನಾಜಿಗಳ ಕೈಗೆ ಸಿಗಬಾರದೆಂದು 1944ರಲ್ಲಿ ಪ್ರಾಣ ಕಳೆದುಕೊಂಡವಳು. ಬರ್ಲಿನ್ನಿನ ನಾಲ್ಕೂ ವಲಯಗಳಲ್ಲಿ ಚಿತ್ರ ಒಂದೇ ದಿನ ತೆರೆ ಕಂಡಿತು. ಲಕ್ಷ ಲಕ್ಷ ಜನ ನೋಡಿ ಅತ್ತರು. ಆ ಚಿತ್ರವನ್ನು ನಾನು ಗೌರವಿಸುತ್ತೇನೆ. ಆದರೆ ಅಷ್ಟೊಂದು ಕಣ್ಣೀರನ್ನು ನನ್ನಿಂದ ನಂಬಲಾಗುವುದಿಲ್ಲ. ನೆರೆಮನೆಯ ಮೇಟಾಳನ್ನು ಕರೆದೊಯ್ಯುವಾಗ ಕಿಟಕಿಯ ಪರದೆ ಎಳೆದುಕೊಂಡವರೂ ಆ ಕತ್ತಲಲ್ಲಿ ಕೂತು ಅತ್ತಿರಬೇಕು. ಅಳು ಸುಲಭ, ಅದಕ್ಕೆ ಯಾರೂ ಲೆಕ್ಕ ಕೇಳುವುದಿಲ್ಲ.

“ಹಾಗಾದರೆ ಆ ಕಾಲದಲ್ಲಿ ಯಾರು ತಾನೇ ಏನು ಮಾಡಲು ಸಾಧ್ಯವಿತ್ತು?” ಎನ್ನುತ್ತೀರಾ? ಶವಸಂಸ್ಕಾರಕ್ಕೆ ಯಾರೂ ಹೋಗಕೂಡದೆಂಬ ಅಪ್ಪಣೆ ಇದ್ದರೂ ಬ್ರಿಗಿಟೆ ಹಾರ್ನಿ ಹೋದಳು. ಅವಳ ಜೊತೆ ಹೋದ ಕಲಾವಿದರು ಬೆರಳೆಣಿಕೆಯಷ್ಟು. 1943ರ ಫೆಬ್ರವರಿ ಕೊನೆಯಲ್ಲಿ ಯಹೂದಿ ಗಂಡಂದಿರನ್ನು ಬರ್ಲಿನ್ನಿನ ರೋಸನ್‌ಸ್ಟ್ರಾಸೆಯ ಕಟ್ಟಡವೊಂದರಲ್ಲಿ ಕೂಡಿಹಾಕಿದಾಗ, ಅವರ ಹೆಂಡತಿಯರು ಚಳಿಯಲ್ಲಿ ದಿನಗಟ್ಟಲೆ ಬೀದಿಯಲ್ಲಿ ನಿಂತು ಗಂಡಂದಿರನ್ನು ಬಿಡಿ ಎಂದು ಕೂಗಿದರು. ಕೊನೆಗೆ ಬಹುತೇಕ ಗಂಡಸರು ಮನೆಗೆ ಮರಳಿದರು. ಅದಕ್ಕೆ ಈ ಹೆಂಗಸರ ಕೂಗೊಂದೇ ಕಾರಣವೇ ಎಂದು ಇತಿಹಾಸಕಾರರು ಇನ್ನೂ ವಾದಿಸುತ್ತಿದ್ದಾರೆ. ವಾದಿಸಲಿ. ಅವರು ಬೀದಿಗೆ ಬಂದು ನಿಂತದ್ದಂತೂ ನಿಜ. ಮೇಟಾಳಿಗಾಗಿ ಬೀದಿಯಲ್ಲಿ ಯಾರೂ ನಿಲ್ಲಲಿಲ್ಲ.

ಮರುದಿನ ಗೆಳತಿಗೆ ಇದನ್ನೆಲ್ಲ ಹೇಳಿದೆ. ಈ ಸಲ ಅವಳು ಅಳಲಿಲ್ಲ. ಸ್ವಲ್ಪ ಹೊತ್ತು ಸುಮ್ಮನಿದ್ದು, “ಆ ಹುಡುಗನ ಹೆಸರು ಏನೆಂದೆ?” ಎಂದು ಕೇಳಿದಳು.

ಮಿಖಾಯೆಲ್ ಎಂದೆ.