ಕಟ್ಟುವ ಹಕ್ಕು ಯಾರ ಕೈಯಲ್ಲಿ? ಮೈನ್‌ಕ್ರಾಫ್ಟ್ ಜಗತ್ತಿನ ಅನುಮತಿ ಪ್ರಶ್ನೆ

ಒಂದು ದೇಶದ ಸರ್ಕಾರಿ ಇಲಾಖೆಯು ತನ್ನ ಇಡೀ ನಾಡನ್ನು ವಿಡಿಯೊ ಗೇಮ್ ಒಂದರೊಳಗೆ ಕಟ್ಟಿ, ಯಾರು ಬೇಕಾದರೂ ಬನ್ನಿ ಎಂದು ಬಾಗಿಲು ತೆರೆದರೆ ಏನಾದೀತು? 2014ರ ಏಪ್ರಿಲ್‌ನಲ್ಲಿ ಡೆನ್ಮಾರ್ಕಿನ ಭೂದತ್ತಾಂಶ ಇಲಾಖೆ ಇಂಥದೊಂದು ಪ್ರಯೋಗಕ್ಕೆ ಕೈಹಾಕಿತು. ಸುಮಾರು 43 ಸಾವಿರ ಚದರ ಕಿ.ಮೀ. ವಿಸ್ತೀರ್ಣದ ಆ ದೇಶದ ಗುಡ್ಡ, ರಸ್ತೆ, ಮನೆ, ಕೆರೆಗಳೆಲ್ಲ 'ಮೈನ್‌ಕ್ರಾಫ್ಟ್' ಆಟದಲ್ಲಿ ನಿಜ ಅಳತೆಯಲ್ಲೇ ತಲೆಯೆತ್ತಿದವು. ಬಳಕೆಯಾದ ಇಟ್ಟಿಗೆಗಳ ಸಂಖ್ಯೆ ಸುಮಾರು 4 ಲಕ್ಷ ಕೋಟಿ. ಸರ್ಕಾರದ ಬಳಿಯಿದ್ದ ಭೂಪಟದ ಮಾಹಿತಿಯನ್ನು ಶಾಲಾ ಮಕ್ಕಳಿಗೆ ಆಸಕ್ತಿ ಮೂಡುವಂತೆ ತಲುಪಿಸುವುದು ಇಲಾಖೆಯ ಉದ್ದೇಶವಾಗಿತ್ತು.

ಕೆಲವೇ ವಾರಗಳಲ್ಲಿ ಅಲ್ಲಿಗೆ ಕಿಡಿಗೇಡಿಗಳು ನುಗ್ಗಿದರು. ಕಟ್ಟಡಗಳು ಸಿಡಿದವು, ಅಮೆರಿಕದ ಬಾವುಟಗಳು ನೆಟ್ಟವು. ಇಲಾಖೆ ಎಚ್ಚರ ತಪ್ಪಿರಲಿಲ್ಲ. ಆಟದೊಳಗಿನ ಡೈನಮೈಟ್ ಬಳಕೆಯನ್ನು ಅದು ಮೊದಲೇ ನಿರ್ಬಂಧಿಸಿತ್ತು. ಆದರೆ ಡೈನಮೈಟ್ ತುಂಬಿದ ಗಣಿಬಂಡಿ ಎಂಬ ಮತ್ತೊಂದು ವಸ್ತು ಆಟದಲ್ಲಿದೆ. ಅದನ್ನು ನಿಷೇಧಿಸಲು ಮರೆತಿತ್ತು. ಹಾನಿಯಾದದ್ದು ಸಣ್ಣ ಪ್ರದೇಶಕ್ಕೆ ಮಾತ್ರ. ಕೆಡವುವುದೂ ಕಟ್ಟುವುದೂ ಈ ಆಟದ ಸ್ವಭಾವವೇ ಎಂದು ಇಲಾಖೆ ಸಮಾಧಾನದಿಂದಲೇ ಪ್ರತಿಕ್ರಿಯಿಸಿತು.

ಘಟನೆ ಚಿಕ್ಕದು. ಆದರೆ ಹಲವರು ಕೂಡಿ ಕಟ್ಟುವ ಯಾವುದೇ ಜಾಗದಲ್ಲಿ ಏಳುವ ಪ್ರಶ್ನೆ ಅದರಲ್ಲಿ ಅಡಗಿದೆ: ಕಟ್ಟುವ ಹಕ್ಕನ್ನು ಯಾರಿಗೆ, ಎಷ್ಟು, ಯಾವ ಷರತ್ತಿನ ಮೇಲೆ ಕೊಡಬೇಕು?

ದೊಣ್ಣೆಗೆ ನಿಮಿಷ

ಸ್ವೀಡನ್ನಿನ ಮೊಜಾಂಗ್ ಸಂಸ್ಥೆ 2011ರ ನವೆಂಬರ್‌ನಲ್ಲಿ ಪೂರ್ಣರೂಪದಲ್ಲಿ ಬಿಡುಗಡೆ ಮಾಡಿದ ಮೈನ್‌ಕ್ರಾಫ್ಟ್ ಅನ್ನು 2014ರಲ್ಲಿ ಮೈಕ್ರೊಸಾಫ್ಟ್ 250 ಕೋಟಿ ಡಾಲರ್‌ಗೆ ಕೊಂಡುಕೊಂಡಿತು. 2023ರ ವೇಳೆಗೆ ಅದರ 30 ಕೋಟಿಗೂ ಹೆಚ್ಚು ಪ್ರತಿಗಳು ಮಾರಾಟವಾಗಿದ್ದವು. ಈ ಆಟಕ್ಕೆ ಗೆಲುವು-ಸೋಲಿನ ಕಟ್ಟುಪಾಡಿಲ್ಲ. ಒಂದೊಂದು ಮೀಟರ್ ಅಳತೆಯ ಚೌಕಗಳನ್ನು ಅಗೆದು, ಜೋಡಿಸಿ, ಮನೆಯನ್ನೋ ಊರನ್ನೋ ಕಟ್ಟುವುದೇ ಅದರ ಸೊಗಸು. ಒಂದೇ ಸರ್ವರ್‌ನಲ್ಲಿ ಹತ್ತಾರು, ನೂರಾರು ಮಂದಿ ಒಟ್ಟಿಗೆ ಕಟ್ಟಬಹುದು.

ತೊಡಕಿರುವುದೂ ಅಲ್ಲಿಯೇ. ಕಟ್ಟಲು ಬೇಕಾದ ಕೌಶಲವೇ ಕೆಡವುವುದಕ್ಕೂ ಸಾಕು. ಬಾಲಕನೊಬ್ಬ ತಿಂಗಳುಗಟ್ಟಲೆ ಸಂಜೆಗಳನ್ನು ವ್ಯಯಿಸಿ ಎಬ್ಬಿಸಿದ ಕೋಟೆಯನ್ನು ಇನ್ನೊಬ್ಬ ಕೆಲವೇ ನಿಮಿಷಗಳಲ್ಲಿ ನೆಲಸಮ ಮಾಡಬಲ್ಲ. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ ಎಂಬ ಗಾದೆ ಇಲ್ಲಿ ಅಕ್ಷರಶಃ ಸತ್ಯ. ಆಟಗಾರರ ವಲಯದಲ್ಲಿ ಇದಕ್ಕೆ 'ಗ್ರೀಫಿಂಗ್' ಎಂಬ ಹೆಸರೇ ಇದೆ. ಹೊರಗಿನವರಿಗೆ ಇದು ಕ್ಷುಲ್ಲಕವೆನಿಸಬಹುದು. ಶ್ರಮ ಕಳೆದುಕೊಂಡ ಮಗುವಿಗೆ ಹಾಗೆನಿಸುವುದಿಲ್ಲ. ಹಲವು ಮಕ್ಕಳಿಗೆ ಸಾರ್ವಜನಿಕ ಆಸ್ತಿ, ಪರರ ಸ್ವತ್ತು, ಅನ್ಯಾಯ ಎಂಬ ಪರಿಕಲ್ಪನೆಗಳ ಮೊದಲ ಪರಿಚಯ ಆಗುವುದು ಇಂಥ ಕಡೆಯೇ.

ಅಧಿಕಾರಿಯಿದ್ದರೆ ಮಾತ್ರ ರಕ್ಷಣೆ

ಆಟದೊಂದಿಗೆ ಬರುವ ರಕ್ಷಣೆ ತೀರಾ ಸರಳ. ಹೊಸಬರು ಮೊದಲು ಕಣ್ಣು ತೆರೆಯುವ ಜಾಗದ ಸುತ್ತ 16 ಚೌಕಗಳ ದೂರದವರೆಗೆ, ಅಂದರೆ 33 ಚೌಕ ಉದ್ದ, 33 ಚೌಕ ಅಗಲದ ನೆಲದಲ್ಲಿ, ಸಾಮಾನ್ಯ ಆಟಗಾರರು ಏನನ್ನೂ ಕಟ್ಟುವಂತಿಲ್ಲ, ಕೆಡವುವಂತಿಲ್ಲ. ಕುತೂಹಲದ ಸಂಗತಿಯೆಂದರೆ, ಸರ್ವರ್‌ಗೆ ಒಬ್ಬನಾದರೂ 'ಆಪರೇಟರ್' ನೇಮಕವಾಗದ ಹೊರತು ಈ ರಕ್ಷಣೆ ಜಾರಿಗೇ ಬರುವುದಿಲ್ಲ. ಅಧಿಕಾರ ಯಾರದೆಂದು ನಿಗದಿಯಾಗದ ಕಡೆ ನಿಯಮಕ್ಕೂ ಬಲವಿಲ್ಲ.

ಆಪರೇಟರ್‌ಗಳಲ್ಲಿಯೂ ನಾಲ್ಕು ಶ್ರೇಣಿಗಳಿವೆ. ಮೊದಲ ಶ್ರೇಣಿಯವನು ಸಂರಕ್ಷಿತ ನೆಲದಲ್ಲಿ ಕಟ್ಟಬಲ್ಲ. ನಾಲ್ಕನೆಯವನು ಸರ್ವರ್ ಅನ್ನೇ ಸ್ಥಗಿತಗೊಳಿಸಬಲ್ಲ. ಮೊಬೈಲ್ ಹಾಗೂ ಕನ್ಸೋಲ್‌ಗಳಲ್ಲಿ ಆಡುವ 'ಬೆಡ್‌ರಾಕ್' ಆವೃತ್ತಿಯಲ್ಲಿ ಸಂದರ್ಶಕ, ಸದಸ್ಯ, ಆಪರೇಟರ್ ಎಂಬ ವಿಂಗಡಣೆಯಿದೆ. ಸಂದರ್ಶಕ ತಿರುಗಾಡಿ ನೋಡಬಹುದು, ಏನನ್ನೂ ಮುಟ್ಟುವಂತಿಲ್ಲ. ಸದಸ್ಯ ಕಟ್ಟಬಹುದು, ಅಗೆಯಬಹುದು.

ಶಾಲೆಗಳಿಗಾಗಿ ರೂಪಿಸಿದ ಆವೃತ್ತಿ ಇನ್ನೂ ಒಂದು ಹೆಜ್ಜೆ ಮುಂದಿದೆ. ಅಲ್ಲಿ ಶಿಕ್ಷಕರು ನೆಲದಲ್ಲಿ 'ಅನುಮತಿ' ಮತ್ತು 'ನಿರಾಕರಣೆ'ಯ ಚೌಕಗಳನ್ನು ಹುದುಗಿಸಬಹುದು. ನಿರಾಕರಣೆಯ ಚೌಕದ ಮೇಲಿನ ಜಾಗದಲ್ಲಿ ವಿದ್ಯಾರ್ಥಿಗಳು ಕಟ್ಟಲಾಗದು. ತರಗತಿಯ ಗಡಿ ದಾಟದಂತೆ ತಡೆಯುವ ಚೌಕಗಳೂ ಉಂಟು.

ಪಹಣಿಯಂಥ ವ್ಯವಸ್ಥೆ

ದೊಡ್ಡ ಸರ್ವರ್‌ಗಳಿಗೆ ಇಷ್ಟು ಸಾಲದು. ಹೀಗಾಗಿ ಆಟಗಾರರೇ ಹೆಚ್ಚುವರಿ ತಂತ್ರಾಂಶಗಳನ್ನು ಬರೆದುಕೊಂಡರು. ಅವುಗಳಲ್ಲಿ 'ಗ್ರೀಫ್ ಪ್ರಿವೆನ್ಷನ್' ಎಂಬುದರ ವಿಧಾನ ಗಮನಾರ್ಹ. ಹೊಸ ಆಟಗಾರ ತನ್ನ ಮೊದಲ ಪೆಟ್ಟಿಗೆಯನ್ನು ನೆಲದ ಮೇಲಿಟ್ಟ ಕೂಡಲೇ ಸುತ್ತಲಿನ ತುಸು ಜಾಗ ಅವನ ಹೆಸರಿಗೆ ದಾಖಲಾಗುತ್ತದೆ. ಮುಂದೆ ಚಿನ್ನದ ಸಲಿಕೆ ಹಿಡಿದು ಎರಡು ಮೂಲೆಗಳನ್ನು ಗುರುತಿಸಿದರೆ ಇನ್ನಷ್ಟು ನೆಲ ಪಡೆಯಬಹುದು. ಅದಕ್ಕೂ ಮಿತಿಯಿದೆ: ಆಡಿದ ಗಂಟೆಗಳಿಗೆ ತಕ್ಕಂತೆ ಮಾತ್ರ ನೆಲದ ಹಕ್ಕು ಬೆಳೆಯುತ್ತದೆ. ಒಂದರ್ಥದಲ್ಲಿ ಇದು ದುಡಿದವನಿಗೆ ಭೂಮಿ ಎಂಬ ತತ್ವ. ದಾಖಲೆಯ ಮಟ್ಟಿಗೆ ಹೇಳುವುದಾದರೆ ನಮ್ಮ ಪಹಣಿಯಂಥದೇ ವ್ಯವಸ್ಥೆ.

ಇದರ ನಿಜವಾದ ಜಾಣ್ಮೆ ಇರುವುದು ನಂಬಿಕೆಯನ್ನು ಹಂಚುವ ರೀತಿಯಲ್ಲಿ. ಮಾಲೀಕನು ಒಬ್ಬ ಗೆಳೆಯನಿಗೆ ಬಾಗಿಲು ತೆರೆಯುವ ಹಕ್ಕನ್ನಷ್ಟೇ ಕೊಡಬಹುದು. ಇನ್ನೊಬ್ಬನಿಗೆ ಪೆಟ್ಟಿಗೆಯಿಂದ ವಸ್ತು ತೆಗೆಯುವ ಹಕ್ಕು. ಮತ್ತೊಬ್ಬನಿಗೆ ಕಟ್ಟುವ ಹಕ್ಕು. ಇತರರಿಗೆ ಅನುಮತಿ ನೀಡುವ ಅಧಿಕಾರ ಇವೆಲ್ಲದರಿಂದ ಪ್ರತ್ಯೇಕ. ಮನೆಗೆ ಬಂದ ನೆಂಟನನ್ನು ಜಗಲಿಯಲ್ಲಿ ಕೂರಿಸುವುದಕ್ಕೂ ಕಣಜದ ಬೀಗದ ಕೈ ಕೊಡುವುದಕ್ಕೂ ಇರುವ ಅಂತರವನ್ನು ತಂತ್ರಾಂಶ ಅರಿತಿದೆ.

ಆದರೂ ಬೇಲಿಯಿಂದ ಬಗೆಹರಿಯದ ಸಮಸ್ಯೆಯೊಂದು ಉಳಿಯುತ್ತದೆ. ಅಪರಿಚಿತನನ್ನು ಬೇಲಿ ತಡೆಯುತ್ತದೆ. ಅನುಮತಿ ಪಡೆದೇ ಒಳಬಂದ ಗೆಳೆಯ ಜಗಳವಾಡಿಕೊಂಡು ಮನೆ ಕೆಡವಿದರೆ ಮಾಡುವುದೇನು? ಈ ಕಾರಣದಿಂದಲೇ ಅನುಭವಿ ನಿರ್ವಾಹಕರು ತಡೆಗಿಂತ ದಾಖಲೆಗೆ ಹೆಚ್ಚು ಬೆಲೆ ಕೊಡುತ್ತಾರೆ. 'ಕೋರ್ ಪ್ರೊಟೆಕ್ಟ್' ಎಂಬ ತಂತ್ರಾಂಶವು ಯಾವ ಚೌಕವನ್ನು ಯಾರು, ಯಾವಾಗ ಇಟ್ಟರು, ಯಾರು ತೆಗೆದರು ಎಂಬುದನ್ನೆಲ್ಲ ಬರೆದಿಡುತ್ತದೆ. ನಿರ್ದಿಷ್ಟ ವ್ಯಕ್ತಿ ಕಳೆದ ಒಂದು ಗಂಟೆಯಲ್ಲಿ ಎಸಗಿದ ಹಾನಿಯನ್ನಷ್ಟೇ ಆರಿಸಿ ಮೊದಲಿನ ಸ್ಥಿತಿಗೆ ತರಲು ಅದರಲ್ಲಿ ಅವಕಾಶವಿದೆ. ಡೆನ್ಮಾರ್ಕಿನ ಪ್ರಕರಣ ಸೂಚಿಸುವುದೂ ಇದನ್ನೇ. ಮಾಡಬಾರದವುಗಳ ಪಟ್ಟಿ ಎಷ್ಟೇ ಉದ್ದವಿದ್ದರೂ ಒಂದು ಗಣಿಬಂಡಿ ತಪ್ಪಿಸಿಕೊಳ್ಳುತ್ತದೆ. ಕೆಟ್ಟದ್ದನ್ನು ಸರಿಪಡಿಸುವ ದಾರಿ ಸಿದ್ಧವಿದ್ದರೆ ಬಾಗಿಲನ್ನು ಧೈರ್ಯವಾಗಿ ತೆರೆದಿಡಬಹುದು.

ಬೇಲಿಯೇ ಹೊಲ ಮೇಯ್ದರೆ?

ಅನುಮತಿ ನೀಡುವವನನ್ನು ಕಾಯುವವರು ಯಾರು ಎಂಬುದು ಇನ್ನೂ ಕಠಿಣ ಪ್ರಶ್ನೆ. ಆಪರೇಟರ್ ತನಗಾಗದವರನ್ನು ಹೊರಹಾಕಬಲ್ಲ, ಗೆಳೆಯರಿಗೆ ಬೇಕಾದ್ದನ್ನು ದಯಪಾಲಿಸಬಲ್ಲ. ಹಣ ಕೊಟ್ಟವರಿಗೆ ವಿಶೇಷ ಸವಲತ್ತು ಮಾರುವ ಸರ್ವರ್‌ಗಳು ಹೆಚ್ಚಾದಾಗ 2014ರ ಜೂನ್‌ನಲ್ಲಿ ಮೊಜಾಂಗ್ ಮಧ್ಯಪ್ರವೇಶಿಸಿತು. ಆಟದ ಫಲಿತಾಂಶದ ಮೇಲೆ ಪರಿಣಾಮ ಬೀರುವ ಅನುಕೂಲಗಳನ್ನು ಮಾರುವಂತಿಲ್ಲ ಎಂದು ಸ್ಪಷ್ಟಪಡಿಸಿ, ಆಗಸ್ಟ್ 1ರ ಗಡುವು ವಿಧಿಸಿತು. ಅಲಂಕಾರದ ವಸ್ತುಗಳ ಮಾರಾಟಕ್ಕೆ ಅಡ್ಡಿಯಿರಲಿಲ್ಲ. ಸರ್ವರ್ ನಡೆಸುವ ಖರ್ಚು ಹೇಗೆ ಹುಟ್ಟಿಸುವುದು ಎಂದು ಹಲವು ನಿರ್ವಾಹಕರು ಅಸಮಾಧಾನ ತೋರಿದರು. ಅವರ ದೂರಿನಲ್ಲಿ ಹುರುಳಿಲ್ಲದಿರಲಿಲ್ಲ. ಆದರೆ ಹಕ್ಕು ಹರಾಜಿಗೆ ಬಂದರೆ ಬಡ ಆಟಗಾರನ ಶ್ರಮಕ್ಕೆ ಬೆಲೆ ಉಳಿಯದು ಎಂಬ ವಾದ ಮೇಲುಗೈ ಪಡೆಯಿತು.

ಎರಡು ತುದಿಗಳು

ಯಾವ ಅನುಮತಿಯ ಗೊಡವೆಯೂ ಬೇಡವೆನ್ನುವ ಸರ್ವರ್‌ಗಳೂ ಇವೆ. 2010ರ ಡಿಸೆಂಬರ್‌ನಲ್ಲಿ ಆರಂಭವಾದ '2ಬಿ2ಟಿ' ಅವುಗಳಲ್ಲಿ ಪ್ರಸಿದ್ಧ. ಅಲ್ಲಿ ನಿಯಮಗಳಿಲ್ಲ, ಹೊಸಬರು ಇಳಿಯುವ ಜಾಗದ ಸುತ್ತಲಿನ ನೆಲವೆಲ್ಲ ಛಿದ್ರವಾಗಿದೆ. ಕಟ್ಟಬಯಸುವವರು ಬಲು ದೂರ ನಡೆದು, ಗುಟ್ಟಾಗಿ ಕಟ್ಟಬೇಕು. ಅಂದರೆ ನಿಯಮವಿಲ್ಲದ ಕಡೆ ಸ್ವಾತಂತ್ರ್ಯ ಹೆಚ್ಚುತ್ತದೆಂಬ ನಂಬಿಕೆ ಅರ್ಧ ಸತ್ಯ. ಕಟ್ಟಿದ್ದನ್ನು ಇತರರಿಗೆ ತೋರಿಸುವ ಸ್ವಾತಂತ್ರ್ಯವೇ ಅಲ್ಲಿ ಕಳೆದುಹೋಗುತ್ತದೆ.

ಇದಕ್ಕೆ ವಿರುದ್ಧವಾದ ತುದಿಯಲ್ಲಿ 'ಅನ್‌ಸೆನ್ಸರ್ಡ್ ಲೈಬ್ರರಿ' ನಿಂತಿದೆ. ಪತ್ರಕರ್ತರ ಹಕ್ಕುಗಳಿಗಾಗಿ ದುಡಿಯುವ 'ರಿಪೋರ್ಟರ್ಸ್ ವಿದೌಟ್ ಬಾರ್ಡರ್ಸ್' ಸಂಸ್ಥೆ 2020ರ ಮಾರ್ಚ್‌ನಲ್ಲಿ ಮೈನ್‌ಕ್ರಾಫ್ಟ್‌ನೊಳಗೆ ತೆರೆದ ಗ್ರಂಥಾಲಯವಿದು. ಹತ್ಯೆಗೀಡಾದ ಸೌದಿ ಪತ್ರಕರ್ತ ಜಮಾಲ್ ಖಶೋಗಿ ಅವರ ಬರಹಗಳೂ ಸೇರಿದಂತೆ, ಹಲವು ದೇಶಗಳಲ್ಲಿ ಅದುಮಿಟ್ಟ ಲೇಖನಗಳನ್ನು ಇಲ್ಲಿ ಓದಬಹುದು. ಓದುಗರು ಅವನ್ನು ತಿದ್ದುವಂತಿಲ್ಲ. ಇಲ್ಲಿ ಬೀಗ ಹಾಕಿರುವುದು ಓದುವ ಸ್ವಾತಂತ್ರ್ಯ ಉಳಿಸುವುದಕ್ಕಾಗಿ. ಒಂದೇ ನಿರ್ಬಂಧ ಒಂದೆಡೆ ಉಸಿರುಗಟ್ಟಿಸಬಹುದು, ಇನ್ನೊಂದೆಡೆ ರಕ್ಷಿಸಬಹುದು. ಉದ್ದೇಶವನ್ನು ಬಿಟ್ಟು ಅನುಮತಿಯನ್ನು ಅಳೆಯಲಾಗದು.

ಈ ಎರಡರ ನಡುವಿನ ಹಾದಿಗೆ ವಿಶ್ವಸಂಸ್ಥೆಯ ಯುಎನ್-ಹ್ಯಾಬಿಟ್ಯಾಟ್ ಮತ್ತು ಮೊಜಾಂಗ್ 2012ರಲ್ಲಿ ಆರಂಭಿಸಿದ 'ಬ್ಲಾಕ್ ಬೈ ಬ್ಲಾಕ್' ಯೋಜನೆ ನಿದರ್ಶನ. ನೈರೋಬಿ, ಮುಂಬೈ ಮೊದಲಾದ ನಗರಗಳಲ್ಲಿ ಉದ್ಯಾನ, ಆಟದ ಬಯಲುಗಳ ವಿನ್ಯಾಸವನ್ನು ಸ್ಥಳೀಯ ನಿವಾಸಿಗಳೇ ಈ ಆಟದಲ್ಲಿ ಕಟ್ಟಿ ತೋರಿಸಿದರು. ಆ ಜಾಗವನ್ನು ನಾಳೆ ಬಳಸುವವರಿಗೇ ಇಂದು ಕಟ್ಟುವ ಹಕ್ಕು ಸಿಕ್ಕಿತು.

ಇಲ್ಲಿನ ಚರ್ಚೆ

ಕರ್ನಾಟಕದಲ್ಲಿ ಆನ್‌ಲೈನ್ ಆಟದ ಮಾತು ಬಂದಾಗಲೆಲ್ಲ ಚರ್ಚೆ ಹಣದ ಸುತ್ತಲೇ ತಿರುಗಿದೆ. 2021ರಲ್ಲಿ ರಾಜ್ಯ ಸರ್ಕಾರ ಪೊಲೀಸ್ ಕಾಯ್ದೆಗೆ ತಂದ ತಿದ್ದುಪಡಿಯ ಮುಖ್ಯ ಅಂಶಗಳನ್ನು 2022ರ ಫೆಬ್ರುವರಿಯಲ್ಲಿ ಹೈಕೋರ್ಟ್ ರದ್ದುಪಡಿಸಿತು. 2025ರಲ್ಲಿ ಸಂಸತ್ತು ಅಂಗೀಕರಿಸಿದ ಕಾಯ್ದೆಯ ಗುರಿಯೂ ಹಣ ಕಟ್ಟಿ ಆಡುವ ಆಟಗಳೇ. 2023ರ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯು 18 ವರ್ಷದೊಳಗಿನವರ ಮಾಹಿತಿ ಬಳಕೆಗೆ ಪೋಷಕರ ಒಪ್ಪಿಗೆ ಕಡ್ಡಾಯ ಮಾಡಿತು. ಇವೆಲ್ಲ ಅಗತ್ಯವೇ. ಆದರೆ ಮಕ್ಕಳು ಕೂಡಿ ಕಟ್ಟುವ ಜಗತ್ತಿನೊಳಗಿನ ನ್ಯಾಯವನ್ನು ಕಾನೂನು ಕಾಯಲಾರದು. ಅದು ಮನೆ ಮತ್ತು ಶಾಲೆಯ ಹೊಣೆ.

ಮಗು ಎಷ್ಟು ಹೊತ್ತು ಆಡಿತು ಎಂದು ಕೇಳುವ ಪೋಷಕರು ಇನ್ನೂ ಕೆಲವು ಪ್ರಶ್ನೆ ಕೇಳುವುದು ಒಳಿತು. ಆ ಸರ್ವರ್‌ನ ಆಪರೇಟರ್ ಯಾರು? ಪ್ರವೇಶಕ್ಕೆ ಒಪ್ಪಿಗೆ ಪಡೆದವರ ಪಟ್ಟಿಯಿದೆಯೇ? ಹಾನಿಯಾದರೆ ಮರಳಿ ಪಡೆಯಲು ಪ್ರತಿ ತೆಗೆದಿಡಲಾಗಿದೆಯೇ? ಹೊರಹಾಕಲ್ಪಟ್ಟವನಿಗೆ ತನ್ನ ಮಾತು ಹೇಳಿಕೊಳ್ಳಲು ಅವಕಾಶವುಂಟೇ? ಹೊಸಬರನ್ನು ಮೊದಲು ಸಂದರ್ಶಕರಾಗಿ ಸೇರಿಸಿ, ಪರಿಚಯವಾದ ಮೇಲೆ ಸದಸ್ಯರನ್ನಾಗಿ ಮಾಡುವುದು, ಆಪರೇಟರ್ ಹುದ್ದೆಯನ್ನು ಆದಷ್ಟು ಕಡಿಮೆ ಜನರಿಗೆ ಕೊಡುವುದು ಯಾವ ತರಗತಿಯೂ ಅನುಸರಿಸಬಹುದಾದ ಕ್ರಮಗಳು. ನಿಯಮಗಳನ್ನು ಮಕ್ಕಳೇ ಕೂತು ಬರೆದರೆ ಅವುಗಳ ಪಾಲನೆಯೂ ಸುಲಭ.

ಡೆನ್ಮಾರ್ಕಿನ ಇಲಾಖೆ ಹಾನಿಗೆ ಹೆದರಿ ಎಲ್ಲವನ್ನೂ ಮುಟ್ಟಬಾರದ ವಸ್ತುವನ್ನಾಗಿ ಮಾಡಿದ್ದರೆ ಅದು ಮತ್ತೊಂದು ಭೂಪಟವಾಗಿ ಉಳಿಯುತ್ತಿತ್ತೇ ಹೊರತು ಮಕ್ಕಳ ಆಟದ ಬಯಲಾಗುತ್ತಿರಲಿಲ್ಲ. ಕೆಡವುವವನ ಭಯದಿಂದ ಕಟ್ಟುವವನ ಕೈ ಕಟ್ಟಿಹಾಕದಿರುವುದು ಅನುಮತಿ ನೀಡುವವರೆಲ್ಲ ನೆನಪಿಡಬೇಕಾದ ಮಾತು.