ತೊಟ್ಟು ನೋಡದೆ ಕೊಳ್ಳಿ ಎಂಬ ವ್ಯಾಪಾರ ನಿಲ್ಲಲಿ

ವಿಆರ್ ಆಟವೊಂದನ್ನು ದುಡ್ಡು ಕೊಟ್ಟು ಕೊಂಡಿರಿ, ಹೆಡ್‌ಸೆಟ್ ತೊಟ್ಟಿರಿ, ಹತ್ತು ನಿಮಿಷದಲ್ಲಿ ತಲೆ ಸುತ್ತಿ ಹೊಟ್ಟೆ ತೊಳೆಸತೊಡಗಿತು ಎಂದುಕೊಳ್ಳಿ. ಆಟ ನಿಮಗೆ ಆಗಿಬರುವುದಿಲ್ಲ ಎಂಬುದು ಖಚಿತವಾಯಿತು. ಹಣ ವಾಪಸ್ ಬರುತ್ತದೆಯೇ? ವಾಲ್ವ್ ಕಂಪನಿಯ ಸ್ಟೀಮ್‌ನಲ್ಲಿ ಕೊಂಡಿದ್ದರೆ ಬರುತ್ತದೆ. ಕೊಂಡು 14 ದಿನ ದಾಟಿರಬಾರದು, ಆಡಿದ್ದು 2 ಗಂಟೆಗಿಂತ ಕಡಿಮೆ ಇರಬೇಕು, ಅಷ್ಟೇ. ಮೆಟಾದ ಕ್ವೆಸ್ಟ್ ಸ್ಟೋರ್‌ನಲ್ಲೂ ಹೆಚ್ಚುಕಡಿಮೆ ಇದೇ ಲೆಕ್ಕ. ಸೋನಿಯ ಪ್ಲೇಸ್ಟೇಷನ್ ಸ್ಟೋರ್‌ನಲ್ಲೂ 14 ದಿನದ ಮಾತಿದೆ, ಆದರೆ ಡೌನ್‌ಲೋಡ್ ಶುರುವಾದ ಕ್ಷಣಕ್ಕೆ ಆ ಮಾತು ಮುಗಿಯಿತು. ಆಟದಲ್ಲೇ ದೋಷವಿದ್ದರೆ ಮಾತ್ರ ಬೇರೆ ವಿಚಾರ. ಆಟ ಅದೇ, ಆಡುವವರ ದೇಹ ಅದೇ, ದೇಶವೂ ಅದೇ. ಉತ್ತರ ಮಾತ್ರ ಮಳಿಗೆಗೊಂದು. ಗ್ರಾಹಕ ಕಾನೂನು ಇರುವ ದೇಶದಲ್ಲಿ ಇದು ಹೀಗೇ ಇರಲಿ ಎಂದು ನಾವು ಸುಮ್ಮನಿರುವುದನ್ನು ನಾನು ಒಪ್ಪಲಾರೆ.

ರೀಫಂಡ್ ಕೇಳಿದವರಿಗೆ ಸಾಮಾನ್ಯವಾಗಿ ಬರುವ ಉತ್ತರ 'ನಮ್ಮ ಪಾಲಿಸಿ ಹೀಗಿದೆ' ಎನ್ನುವುದು. ಪಾಲಿಸಿ ಎನ್ನುವುದು ಮಾರುವವರು ತಾವೇ ಬರೆದುಕೊಂಡ ಕಾಗದ. ಬಟ್ಟೆ ಅಂಗಡಿಗಳ ರಸೀದಿಯ ಕೆಳಗೆ 'ಮಾರಿದ ಮಾಲನ್ನು ವಾಪಸ್ ತೆಗೆದುಕೊಳ್ಳುವುದಿಲ್ಲ' ಎಂದು ಅಚ್ಚಾಗಿರುತ್ತಿತ್ತು, ಈಗಲೂ ಅನೇಕ ಕಡೆ ಇದೆ. ಹಾಗೆ ಅಚ್ಚು ಹಾಕಿದ ಮಾತ್ರಕ್ಕೆ ದೋಷವಿರುವ ಸರಕಿನ ಹೊಣೆಯಿಂದ ಅಂಗಡಿಯವರು ಪಾರಾಗುವುದಿಲ್ಲ ಎಂದು ಗ್ರಾಹಕ ವೇದಿಕೆಗಳು ಮತ್ತೆ ಮತ್ತೆ ಹೇಳಿವೆ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆ ಇದನ್ನು ಇನ್ನೂ ನೇರವಾಗಿ ಹೇಳುತ್ತದೆ. ದೋಷವಿರುವ ಸರಕನ್ನು ಹಿಂದಕ್ಕೆ ಪಡೆದು, ರಸೀದಿಯಲ್ಲಿ ಹೇಳಿದ ಅವಧಿಯೊಳಗೆ, ಅವಧಿ ಹೇಳಿರದಿದ್ದರೆ 30 ದಿನದೊಳಗೆ ಹಣ ಕೊಡದಿರುವುದು ಅನುಚಿತ ವ್ಯಾಪಾರ ಪದ್ಧತಿ. 2020ರ ಜುಲೈನಲ್ಲಿ ಬಂದ ಇ-ವಾಣಿಜ್ಯ ನಿಯಮಗಳು ಡಿಜಿಟಲ್ ಉತ್ಪನ್ನಗಳನ್ನು ಹೆಸರು ಹೇಳಿಯೇ ಒಳಗೆ ತಂದಿವೆ. ಭಾರತದಲ್ಲಿ ನೆಲೆಯಿಲ್ಲದಿದ್ದರೂ ಇಲ್ಲಿನ ಗ್ರಾಹಕರಿಗೆ ಕ್ರಮಬದ್ಧವಾಗಿ ಮಾರುವ ವಿದೇಶಿ ಮಳಿಗೆಗಳಿಗೂ ಅವು ಅನ್ವಯಿಸುತ್ತವೆ. ದೂರು ಬಂದ 48 ಗಂಟೆಯಲ್ಲಿ ಸ್ವೀಕೃತಿ ಕೊಡಬೇಕು, ಒಂದು ತಿಂಗಳಲ್ಲಿ ಪರಿಹರಿಸಬೇಕು ಎಂಬ ಗಡುವೂ ಅವುಗಳಲ್ಲಿದೆ. ಜಾಹೀರಾತಿನಲ್ಲಿ ಹೇಳಿದ ಗುಣ ಸರಕಿನಲ್ಲಿ ಇಲ್ಲದಿದ್ದರೆ ಹಣ ನಿರಾಕರಿಸುವಂತಿಲ್ಲ ಎಂದೂ ಇದೆ.

ಇಷ್ಟು ಕಾನೂನು ಇರುವಾಗ ತಕರಾರು ಎಲ್ಲಿದೆ? ವಿಆರ್ ಆಟಗಳ ವಿಷಯದಲ್ಲಿ ಈ ಕಾನೂನಿನ ನಡುವೆ ಒಂದು ದೊಡ್ಡ ಬಿರುಕಿದೆ. ನಮ್ಮ ಕಾನೂನಿಗೆ ದೋಷ ಗೊತ್ತು. ಮನಸ್ಸು ಬದಲಾಯಿಸುವುದೂ ಗೊತ್ತು, ಅದಕ್ಕೆ ಮಾರುವವರು ಹೊಣೆಯಲ್ಲ ಎಂದು ಅದು ಸರಿಯಾಗಿಯೇ ಹೇಳುತ್ತದೆ. ಇವೆರಡೂ ಅಲ್ಲದ ಮೂರನೆಯದೊಂದು ಇದೆ. ಆಟದಲ್ಲಿ ತಪ್ಪಿಲ್ಲ, ಕೊಂಡವರ ಮನಸ್ಸೂ ಬದಲಾಗಿಲ್ಲ, ಆದರೆ ಆ ಆಟ ಆ ದೇಹಕ್ಕೆ ಒಗ್ಗುವುದಿಲ್ಲ.

ವಿಆರ್ ಹೆಡ್‌ಸೆಟ್ ಕಣ್ಣಿಗೆ ನೀವು ಓಡುತ್ತಿದ್ದೀರಿ, ಹಾರುತ್ತಿದ್ದೀರಿ, ಕಾರಿನಲ್ಲಿ ತಿರುವು ತೆಗೆದುಕೊಳ್ಳುತ್ತಿದ್ದೀರಿ ಎಂದು ತೋರಿಸುತ್ತದೆ. ಒಳಗಿವಿಯಲ್ಲಿ ಸಮತೋಲನ ಕಾಯುವ ಅಂಗವೋ ನೀವು ಕುರ್ಚಿಯಲ್ಲಿ ಕೂತಿದ್ದೀರಿ ಎಂದು ಹೇಳುತ್ತಿರುತ್ತದೆ. ಮಿದುಳಿಗೆ ಈ ಎರಡು ವರದಿಗಳು ತಾಳೆಯಾಗುವುದಿಲ್ಲ. ಘಾಟಿ ರಸ್ತೆಯ ಬಸ್ಸಿನಲ್ಲಿ ಪುಸ್ತಕ ಓದಿದಾಗ ಆಗುವ ವಾಕರಿಕೆಗೂ ಇದಕ್ಕೂ ಮೂಲ ಒಂದೇ, ದಿಕ್ಕು ಮಾತ್ರ ತಿರುಗುಮುರುಗು. ಕೆಲವರಿಗೆ ಏನೂ ಆಗುವುದಿಲ್ಲ, ಕೆಲವರಿಗೆ ಐದೇ ನಿಮಿಷಕ್ಕೆ ಬೆವರು ಕಿತ್ತುಬರುತ್ತದೆ. ನಿಂತಲ್ಲೇ ನಿಂತು ತೂರಿಬರುವ ಘನಗಳನ್ನು ಕತ್ತರಿಸುವ ಬೀಟ್ ಸೇಬರ್ ಆಡಿ ಸುಖವಾಗಿರುವವರೇ, ಗ್ರಾನ್ ಟುರಿಸ್ಮೊ 7ರ ವಿಆರ್ ಕಾರಿನಲ್ಲಿ ಎರಡನೇ ಸುತ್ತಿಗೆ ಹೆಡ್‌ಸೆಟ್ ಕಿತ್ತೆಸೆಯಬಹುದು. ಎರಡು ಕಣ್ಣುಪಾಪೆಗಳ ನಡುವಿನ ಅಂತರ ಲೆನ್ಸ್‌ಗೆ ಹೊಂದದಿದ್ದರೆ ಚಿತ್ರ ಮಸುಕಾಗಿ ತಲೆನೋವು ಬರುತ್ತದೆ. ಕ್ವೆಸ್ಟ್ 2ರಲ್ಲಿ ಆ ಅಂತರಕ್ಕೆ ಇದ್ದದ್ದು 58, 63, 68 ಮಿಲಿಮೀಟರಿನ ಮೂರೇ ಮೂರು ಸ್ಥಾನ. ಕಂಪ್ಯೂಟರಿಗೆ ಜೋಡಿಸಿ ಆಡುವವರಿಗೆ ಇನ್ನೊಂದು ಪಾಡು: ಗ್ರಾಫಿಕ್ಸ್ ಕಾರ್ಡ್ ಸೋತು ಚಿತ್ರ ತಡವರಿಸಿದರೆ ವಾಕರಿಕೆ ಇನ್ನಷ್ಟು ಹೆಚ್ಚುತ್ತದೆ.

ಇದರಲ್ಲಿ ಯಾವುದೂ ಟ್ರೇಲರ್ ನೋಡಿ ತಿಳಿಯುವಂಥದ್ದಲ್ಲ. ಮೊಬೈಲಿನ ಪರದೆಯಲ್ಲಿ ನೋಡಿದ ವಿಆರ್ ವಿಡಿಯೊ ಮತ್ತು ತಲೆಗೆ ತೊಟ್ಟ ವಿಆರ್ ಒಂದೇ ಅನುಭವವಲ್ಲ. ಸಾವಿರ ವಿಮರ್ಶೆ ಓದಿದರೂ ಬೇರೆಯವರ ಒಳಗಿವಿ ನಿಮ್ಮದಾಗುವುದಿಲ್ಲ. ತೊಟ್ಟು ನೋಡುವುದೊಂದೇ ದಾರಿ. ಹಾಗಿರುವಾಗ ಡೌನ್‌ಲೋಡ್ ಒತ್ತಿದ ಕ್ಷಣಕ್ಕೆ ಹಕ್ಕು ಕಳೆಯುತ್ತದೆ ಎನ್ನುವ ನಿಯಮವನ್ನು ವಿಆರ್ ಆಟಕ್ಕೂ ಹಚ್ಚುವುದು ಗ್ರಾಹಕರನ್ನು ಕಣ್ಣು ಕಟ್ಟಿ ಕೊಳ್ಳಿಸಿದಂತೆ. ಡೌನ್‌ಲೋಡ್ ಆಗದೆ ತೊಡುವುದಾದರೂ ಹೇಗೆ? ಕೆಲವು ಆಟಗಳಿಗೆ ಉಚಿತ ಡೆಮೊ ಇದೆ, ನಿಜ. ಹಾಗೆ ಕೊಡುವವರಿಗೆ ಕೈಮುಗಿಯಬೇಕು. ಆದರೆ ಅದು ಅವರ ಒಳ್ಳೆಯತನ, ಗ್ರಾಹಕರಿಗೆ ಸಿಕ್ಕ ಹಕ್ಕಲ್ಲ.

ಸ್ಟೀಮ್‌ನ 2 ಗಂಟೆ ಅಷ್ಟು ಕೆಟ್ಟ ನಿಯಮವಲ್ಲ. ಒಗ್ಗುತ್ತದೋ ಇಲ್ಲವೋ ತಿಳಿಯಲು ಹೆಚ್ಚಿನವರಿಗೆ ಅಷ್ಟು ಸಾಕು. ಅಲ್ಲಿನ ತೊಂದರೆ ಎಣಿಕೆಯದು. ಆಟದ ಪ್ರೋಗ್ರಾಮ್ ತೆರೆದಿದ್ದಷ್ಟು ಹೊತ್ತೂ ಆಡಿದ ಹೊತ್ತೆಂದು ಲೆಕ್ಕಕ್ಕೆ ಸೇರುತ್ತದೆ. ವಿಆರ್ ಆಡುವವರು ಆ ಹೊತ್ತಿನಲ್ಲಿ ಎಷ್ಟನ್ನು ನಿಜವಾಗಿ ಆಡುತ್ತಾರೆ? ಕೋಣೆಯ ಗಡಿ ಗುರುತಿಸಬೇಕು, ಕಂಟ್ರೋಲರ್ ಜೋಡಿಯಾಗಬೇಕು, ಚಿತ್ರ ತಡವರಿಸಿದರೆ ಸೆಟ್ಟಿಂಗ್ ಇಳಿಸಿ ಮತ್ತೆ ನೋಡಬೇಕು. ತಲೆ ಸುತ್ತಿದವರು ಹೆಡ್‌ಸೆಟ್ ಮೇಜಿನ ಮೇಲಿಟ್ಟು ಮಲಗಿಕೊಳ್ಳುತ್ತಾರೆ, ಗಡಿಯಾರ ಓಡುತ್ತಲೇ ಇರುತ್ತದೆ. ಆಮೇಲೆ ಆಟದ ರಚನೆಯ ವಿಷಯ ಬೇರೆ. ಎಷ್ಟೋ ಆಟಗಳು ಮೊದಲ ಗಂಟೆಯಲ್ಲಿ ನಿಧಾನವಾಗಿ ಕೈಹಿಡಿದು ನಡೆಸುತ್ತವೆ, ವಾಹನ, ಹಾರಾಟ, ಬೀಳುವುದು ಎಲ್ಲ ಆಮೇಲೆ ಬರುತ್ತವೆ. ಹೆಡ್‌ಸೆಟ್ ತಲೆಯ ಮೇಲಿದೆಯೋ ಇಲ್ಲವೋ ಎಂದು ಹೇಳುವ ಸೆನ್ಸರ್ ಇಂದಿನ ಬಹುತೇಕ ಹೆಡ್‌ಸೆಟ್‌ಗಳಲ್ಲಿದೆ. ತೊಟ್ಟ ಹೊತ್ತನ್ನು ಮಾತ್ರ ಎಣಿಸುವುದು ಈ ಕಂಪನಿಗಳಿಗೆ ಕಷ್ಟದ ಕೆಲಸವೇನಲ್ಲ.

ಕಂಪನಿಗಳು ತಾವಾಗಿ ಬದಲಾಗುತ್ತವೆ ಎಂದು ಕಾಯುವವರು ಆಸ್ಟ್ರೇಲಿಯಾದ ಕಡೆ ನೋಡಲಿ. ಅಲ್ಲಿನ ಸ್ಪರ್ಧೆ ಮತ್ತು ಗ್ರಾಹಕ ಆಯೋಗವಾದ ಎಸಿಸಿಸಿ 2014ರ ಆಗಸ್ಟ್‌ನಲ್ಲಿ ವಾಲ್ವ್ ಮೇಲೆ ಮೊಕದ್ದಮೆ ಹೂಡಿತು. ಆಗ ಸ್ಟೀಮ್‌ನಲ್ಲಿ ರೀಫಂಡ್ ಇಲ್ಲ ಎನ್ನುವುದೇ ನಿಯಮ. ವಾಲ್ವ್ ಕೊಟ್ಟ ವಾದಗಳನ್ನು ನಮ್ಮ ಅಧಿಕಾರಿಗಳು ಕೂತು ಓದಬೇಕು: ನಾವು ಆಸ್ಟ್ರೇಲಿಯಾದಲ್ಲಿ ವ್ಯಾಪಾರ ನಡೆಸುತ್ತಿಲ್ಲ, ಒಪ್ಪಂದಕ್ಕೆ ಅನ್ವಯಿಸುವುದು ಅಮೆರಿಕದ ವಾಷಿಂಗ್ಟನ್ ರಾಜ್ಯದ ಕಾನೂನು, ನಾವು ಕೊಡುತ್ತಿರುವುದು ಸರಕೇ ಅಲ್ಲ. 2016ರ ಮಾರ್ಚ್‌ನಲ್ಲಿ ಫೆಡರಲ್ ನ್ಯಾಯಾಲಯ ಈ ವಾದಗಳನ್ನು ತಳ್ಳಿಹಾಕಿತು. ಆಸ್ಟ್ರೇಲಿಯಾದಲ್ಲಿ ಸುಮಾರು 22 ಲಕ್ಷ ಖಾತೆದಾರರನ್ನು ಇಟ್ಟುಕೊಂಡು, ಅಲ್ಲಿಯೇ ಸರ್ವರ್ ಇಟ್ಟುಕೊಂಡು ವ್ಯಾಪಾರ ಮಾಡುತ್ತಿಲ್ಲ ಎನ್ನಲಾಗದು ಎಂದಿತು. ಆ ವರ್ಷದ ಡಿಸೆಂಬರ್‌ನಲ್ಲಿ 30 ಲಕ್ಷ ಆಸ್ಟ್ರೇಲಿಯನ್ ಡಾಲರ್ ದಂಡ ಬಿತ್ತು. ಮೇಲ್ಮನವಿಯೂ ಬಿದ್ದುಹೋಯಿತು, 2018ರಲ್ಲಿ ಅಲ್ಲಿನ ಹೈಕೋರ್ಟ್ ಪ್ರಕರಣ ಕೇಳಲು ಒಪ್ಪಲಿಲ್ಲ. ಇಂದು ಜಗತ್ತೆಲ್ಲ ಬಳಸುವ 14 ದಿನ, 2 ಗಂಟೆಯ ನಿಯಮವನ್ನು ಸ್ಟೀಮ್ ಜಾರಿಗೆ ತಂದದ್ದು 2015ರ ಜೂನ್‌ನಲ್ಲಿ, ಈ ಮೊಕದ್ದಮೆ ನಡೆಯುತ್ತಿದ್ದಾಗ. 2020ರಲ್ಲಿ ಸೋನಿಯ ಯುರೋಪ್ ಶಾಖೆಗೂ ಅದೇ ದೇಶದಲ್ಲಿ 35 ಲಕ್ಷ ಡಾಲರ್ ದಂಡವಾಯಿತು. ದೋಷವಿರುವ ಆಟವಾದರೂ ಡೌನ್‌ಲೋಡ್ ಮಾಡಿಕೊಂಡ ಮೇಲೆ ರೀಫಂಡ್ ಕೊಡಬೇಕಾಗಿಲ್ಲ ಎಂದು ಗ್ರಾಹಕರಿಗೆ ಹೇಳಿದ್ದು ತಪ್ಪೆಂದು ನ್ಯಾಯಾಲಯ ಹೇಳಿತು. ಅದೇ ವರ್ಷದ ಡಿಸೆಂಬರ್‌ನಲ್ಲಿ ಸೈಬರ್‌ಪಂಕ್ 2077 ಮುರಿದ ಸ್ಥಿತಿಯಲ್ಲಿ ಮಾರುಕಟ್ಟೆಗೆ ಬಂದಾಗ ಸೋನಿ ಅದನ್ನು ಮಳಿಗೆಯಿಂದಲೇ ಇಳಿಸಿ, ಕೇಳಿದವರಿಗೆಲ್ಲ ಪೂರ್ತಿ ಹಣ ಕೊಡುವುದಾಗಿ ಹೇಳಿತು. ಡೌನ್‌ಲೋಡ್ ಮಾಡಿ ಆಡಿದವರಿಗೂ ಹಣ ಮರಳಿಸಲು ಬರುತ್ತದೆ ಎಂದಾಯಿತಲ್ಲ. ತಾಂತ್ರಿಕವಾಗಿ ಸಾಧ್ಯವಿಲ್ಲ ಎಂಬ ನೆಪ ಅಂದಿಗೇ ಮುಗಿಯಿತು.

ವಿದೇಶಿ ಕಂಪನಿಯನ್ನು ನಾವು ಇಲ್ಲಿಂದ ಹಿಡಿಯುವುದು ಹೇಗೆ ಎಂದು ಕೇಳುವವರಿದ್ದಾರೆ. ತೆರಿಗೆಯ ವಿಷಯದಲ್ಲಿ ಆ ಪ್ರಶ್ನೆ ಯಾರನ್ನೂ ಕಾಡಲಿಲ್ಲ. 2017ರ ಜುಲೈನಲ್ಲಿ ಜಿಎಸ್‌ಟಿ ಬಂದಾಗಿನಿಂದ ಹೊರದೇಶದ ಮಳಿಗೆ ಇಲ್ಲಿನ ಮನೆಯೊಂದಕ್ಕೆ ಡಿಜಿಟಲ್ ಆಟ ಮಾರಿದರೂ ಶೇ 18ರ ತೆರಿಗೆ ಸರ್ಕಾರಕ್ಕೆ ಸಲ್ಲಬೇಕು. ಅದಕ್ಕಾಗಿ ಆ ಕಂಪನಿಗಳು ಇಲ್ಲಿ ನೋಂದಣಿ ಮಾಡಿಸಿಕೊಳ್ಳುವ ವ್ಯವಸ್ಥೆಯೂ ಇದೆ. ತಂತ್ರಾಂಶ ಸರಕೇ ಎಂದು ಸುಪ್ರೀಂ ಕೋರ್ಟ್ 2004ರಲ್ಲಿ ಟಾಟಾ ಕನ್ಸಲ್ಟೆನ್ಸಿ ಪ್ರಕರಣದಲ್ಲಿ ಹೇಳಿದ್ದೂ ಮಾರಾಟ ತೆರಿಗೆಯ ವ್ಯಾಜ್ಯದಲ್ಲೇ. ಅಂದು ಮಾತು ಸಿ.ಡಿ.ಯಂಥ ವಸ್ತುವಿನಲ್ಲಿ ಬರುವ ಸಿದ್ಧ ತಂತ್ರಾಂಶದ ಬಗ್ಗೆ ಇತ್ತು, ಡೌನ್‌ಲೋಡ್ ಬಗ್ಗೆ ಅಲ್ಲ ಎನ್ನುವುದು ನಿಜ. ಆದರೂ ತೆರಿಗೆ ಕಟ್ಟುವಾಗ ಹುಡುಕಿ ಹಿಡಿಯಬಹುದಾದ ಮಾರಾಟಗಾರರು, ಹಣ ಮರಳಿಸುವಾಗ ಕೈಗೆ ಸಿಗುವುದಿಲ್ಲ ಎನ್ನುವುದು ನನಗೆ ನುಂಗಲಾಗದ ಮಾತು.

ಎದುರಿನ ವಾದದಲ್ಲಿ ನ್ಯಾಯವಾದದ್ದೊಂದು ಇದೆ, ಅದನ್ನು ಹೇಳದೆ ಮುಂದೆ ಹೋಗಲಾರೆ. 2021ರಲ್ಲಿ ಎಮಿಕಾ ಗೇಮ್ಸ್ ಎಂಬ ಸಣ್ಣ ತಯಾರಕರು ತಮ್ಮ ಸಮ್ಮರ್ ಆಫ್ '58 ಎಂಬ ಆಟ 2 ಗಂಟೆಯೊಳಗೇ ಮುಗಿಯುವುದರಿಂದ, ಪೂರ್ತಿ ಆಡಿದ ಎಷ್ಟೋ ಜನ ರೀಫಂಡ್ ಪಡೆದರೆಂದು ನೊಂದು ಆಟ ತಯಾರಿಕೆಯನ್ನೇ ಬಿಡುವುದಾಗಿ ಹೇಳಿದರು. ಅವರ ಸಂಕಟ ನಿಜವಾದದ್ದು. ವಿಆರ್ ಆಟಗಳಲ್ಲಿ ಚಿಕ್ಕವು ಬಹಳ, ಅವನ್ನು ಮಾಡುವವರು ಮೂರು ನಾಲ್ಕು ಜನ ಸೇರಿ ಕಟ್ಟಿದ ಸ್ಟುಡಿಯೊಗಳು. ಅಂಥವು ಬೆಂಗಳೂರಿನಲ್ಲೂ ಇವೆ. ರಾಜ್ಯ ಸರ್ಕಾರ ಅನಿಮೇಷನ್, ಗೇಮಿಂಗ್, ವಿಆರ್ ಉದ್ಯಮಕ್ಕೆಂದೇ 2024-29ರ ನೀತಿ ತಂದು ಬೆಂಬಲ ಕೊಡಲು ಹೊರಟಿದೆ. ಅವರ ಅನ್ನಕ್ಕೆ ಕಲ್ಲು ಹಾಕುವ ನಿಯಮ ನನಗೂ ಬೇಡ. ಆದರೆ ಅವರನ್ನು ಹೊಡೆದದ್ದು ರೀಫಂಡ್ ಅಲ್ಲ, ಒಂದೂವರೆ ಗಂಟೆಯ ಆಟಕ್ಕೂ ನೂರು ಗಂಟೆಯ ಆಟಕ್ಕೂ ಒಂದೇ ಗಡಿಯಾರ ಕಟ್ಟಿದ ಮಳಿಗೆ. ಆ ಗಡಿಯಾರ ಚಿಕ್ಕ ಆಟದ ತಯಾರಕರಿಗೂ ಅನ್ಯಾಯ, ತೊಟ್ಟು ನೋಡಲು ಒದ್ದಾಡುವ ಗ್ರಾಹಕರಿಗೂ ಅನ್ಯಾಯ. ಆಟದ ಉದ್ದಕ್ಕೆ ತಕ್ಕಂತೆ ಪರೀಕ್ಷೆಯ ಹೊತ್ತು ಇರಲಿ. ಆಟವನ್ನು ಕೊನೆಯವರೆಗೆ ಆಡಿ ಮುಗಿಸಿದವರಿಗೆ ದೋಷದ ಕಾರಣವಿಲ್ಲದೆ ಹಣ ಬೇಡ. ಯಾರು ಎಷ್ಟು ಹೊತ್ತು ಆಡಿದರು ಎನ್ನುವುದು ಮಳಿಗೆಗೆ ಗೊತ್ತೇ ಇರುತ್ತದೆ. ಸ್ಟೀಮ್ ಸಾಮಾನ್ಯವಾಗಿ ಪ್ರತಿ ಮಾರಾಟದಲ್ಲಿ ಶೇ 30 ಇಟ್ಟುಕೊಳ್ಳುತ್ತದೆ, ಅಷ್ಟು ಪಡೆಯುವವರು ಇಷ್ಟು ಲೆಕ್ಕ ಇಡಲಿ.

ಗ್ರಾಹಕರು ಹೆದರುವ ಇನ್ನೊಂದು ವಿಷಯವಿದೆ. ಬ್ಯಾಂಕಿಗೆ ಹೇಳಿ ಪಾವತಿಯನ್ನು ಪ್ರಶ್ನಿಸಿದರೆ ಖಾತೆಯನ್ನೇ ಬಂದ್ ಮಾಡಿಬಿಟ್ಟರೆ? ವರ್ಷಗಟ್ಟಲೆ ಕೂಡಿಟ್ಟ ಆಟಗಳೆಲ್ಲ ಆ ಒಂದು ಖಾತೆಯಲ್ಲಿರುತ್ತವೆ. ಅಮೆರಿಕದ ಫೆಡರಲ್ ವ್ಯಾಪಾರ ಆಯೋಗವಾದ ಎಫ್‌ಟಿಸಿ, ಫೋರ್ಟ್‌ನೈಟ್ ಆಟದ ತಯಾರಕ ಎಪಿಕ್ ಗೇಮ್ಸ್ ಮೇಲೆ ಹೊರಿಸಿದ ಆರೋಪಗಳಲ್ಲಿ ಇದೂ ಒಂದು. ಒಪ್ಪಿಗೆಯಿಲ್ಲದೆ ಕಾರ್ಡಿನಿಂದ ಹೋದ ಹಣವನ್ನು ಪ್ರಶ್ನಿಸಿದವರ ಖಾತೆಗೆ ಬೀಗ ಹಾಕಲಾಯಿತು ಎಂದು. 2023ರ ಮಾರ್ಚ್‌ನಲ್ಲಿ ಅಂತಿಮವಾದ ಆದೇಶದಂತೆ ಎಪಿಕ್ 24.5 ಕೋಟಿ ಡಾಲರ್ ಗ್ರಾಹಕರಿಗೆ ಮರಳಿಸಬೇಕಾಯಿತು, ಹಾಗೆ ಬೀಗ ಹಾಕುವುದಕ್ಕೂ ನಿಷೇಧ ಬಂತು. ನಮ್ಮಲ್ಲಿ 2023ರ ನವೆಂಬರ್‌ನಲ್ಲಿ ಕೇಂದ್ರೀಯ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ, ಗ್ರಾಹಕರನ್ನು ದಾರಿತಪ್ಪಿಸುವ ಆನ್‌ಲೈನ್ ವಿನ್ಯಾಸಗಳ ವಿರುದ್ಧ ಮಾರ್ಗಸೂಚಿ ಹೊರಡಿಸಿ ಅಂಥ 13 ತಂತ್ರಗಳನ್ನು ಹೆಸರಿಸಿತು. ಒಳ್ಳೆಯ ಹೆಜ್ಜೆ. ರೀಫಂಡ್ ಕೇಳಿದವರ ಖಾತೆ ಮುಚ್ಚುವುದನ್ನೂ, ಬ್ಯಾಂಕಿನಿಂದ ಪಡೆದ ಹಣವನ್ನು ಗ್ರಾಹಕರ ಒಪ್ಪಿಗೆಯಿಲ್ಲದೆ ಮಳಿಗೆಯ ವಾಲೆಟ್‌ಗೆ ತುಂಬುವುದನ್ನೂ ಪ್ರಾಧಿಕಾರ ಅದೇ ಗಟ್ಟಿತನದಿಂದ ನಿಷೇಧಿಸಬೇಕು.

ಅಲ್ಲಿಯವರೆಗೂ ಕೈಕಟ್ಟಿ ಕೂರಬೇಕಾಗಿಲ್ಲ. ಮೆಟಾದ ಮಳಿಗೆ ಆಟಗಳಿಗೆ ಆರಾಮ, ಮಧ್ಯಮ, ತೀವ್ರ ಎಂಬರ್ಥದ ಮೂರು ದರ್ಜೆಯ ಗುರುತು ಹಾಕುತ್ತದೆ. ಆರಾಮದ ಗುರುತು ಹೊತ್ತ ಆಟ ನಿಮ್ಮನ್ನು ಆಕಾಶದಲ್ಲಿ ಗಿರಗಿರನೆ ತಿರುಗಿಸಿದರೆ, ಹೇಳಿದ ಗುಣ ಸರಕಿನಲ್ಲಿಲ್ಲ ಎಂದೇ ಬರೆದು ದೂರು ಕೊಡಿ. ಮೊದಲು ಕಂಪನಿಯ ಕುಂದುಕೊರತೆ ಅಧಿಕಾರಿಗೆ, ಆಮೇಲೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ. ಅದೂ ಆಗದಿದ್ದರೆ ಜಿಲ್ಲಾ ಗ್ರಾಹಕ ಆಯೋಗವಿದೆ. 2019ರ ಕಾಯ್ದೆಯಂತೆ ನೀವು ವಾಸವಿರುವ ಊರಿನ ಆಯೋಗದಲ್ಲೇ ದೂರು ಹೂಡಬಹುದು, 5 ಲಕ್ಷ ರೂಪಾಯಿವರೆಗಿನ ಖರೀದಿಗೆ ಶುಲ್ಕವಿಲ್ಲ, ವಕೀಲರು ಬೇಕೆಂದೂ ಇಲ್ಲ. ಕಂಪನಿಯ ಕಚೇರಿ ಎಲ್ಲಿದ್ದರೂ ದಾವಣಗೆರೆಯವರು ದಾವಣಗೆರೆಯಲ್ಲೇ ದೂರು ಕೊಡಬಹುದು.

ಆದರೆ ಎಂಟುನೂರು ರೂಪಾಯಿಯ ಆಟಕ್ಕೆ ಯಾರು ಆಯೋಗಕ್ಕೆ ಅಲೆಯುತ್ತಾರೆ? ಕಂಪನಿಗಳಿಗೆ ಇದು ಚೆನ್ನಾಗಿ ಗೊತ್ತು, ಮೊತ್ತದ ಸಣ್ಣತನವೇ ಅವರ ಕೋಟೆ. ಒಬ್ಬೊಬ್ಬ ಗ್ರಾಹಕರು ಹೋರಾಡಲಾಗದ ಇಂಥ ಸಂಗತಿಗಳಲ್ಲಿ ಎಲ್ಲರ ಪರವಾಗಿ ತಾನೇ ಮುಂದಾಗಿ ವಿಚಾರಣೆ ನಡೆಸುವ ಅಧಿಕಾರವನ್ನು ಸಂಸತ್ತು ಕೇಂದ್ರೀಯ ಪ್ರಾಧಿಕಾರಕ್ಕೆ ಕೊಟ್ಟಿದೆ. ಎಸಿಸಿಸಿ ಮಾಡಿದ್ದನ್ನು ಅದು ಇಲ್ಲಿ ಮಾಡಲಿ. ವಿಆರ್ ಆಟ ಮಾರುವ ಪ್ರತಿ ಮಳಿಗೆಯನ್ನೂ ಕರೆಸಿ, ಇಲ್ಲಿನ ಗ್ರಾಹಕರಿಂದ ಎಷ್ಟು ರೀಫಂಡ್ ಅರ್ಜಿ ಬಂದವು, ಎಷ್ಟನ್ನು ಯಾವ ಕಾರಣಕ್ಕೆ ತಿರಸ್ಕರಿಸಿದಿರಿ ಎಂದು ಲೆಕ್ಕ ಕೇಳಲಿ. ಹೆಡ್‌ಸೆಟ್ ತೊಟ್ಟ ಹೊತ್ತನ್ನು ಮಾತ್ರ ಎಣಿಸುವ, ಡೌನ್‌ಲೋಡ್ ಆದ ಮೇಲೂ ಉಳಿಯುವ, ಹಣ ಬಂದ ದಾರಿಯಲ್ಲೇ ಮರಳುವ ಒಂದು ಪರೀಕ್ಷಾ ಅವಧಿಯನ್ನು ಎಲ್ಲರಿಗೂ ಕಡ್ಡಾಯ ಮಾಡುವ ನಿಯಮಕ್ಕೆ ಗ್ರಾಹಕ ವ್ಯವಹಾರಗಳ ಇಲಾಖೆ ಈ ವರ್ಷವೇ ಕರಡು ಹೊರಡಿಸಲಿ.